ದಸ್ತಿ ಹಾಕುವ ಗಂಡ ಮತ್ತು ಮಾನ್ಯ ಅಕ್ಸೋರಿಯಸ್ ಅವರು

ಇವರಿಗೆ,
ಮಾನ್ಯ ಅಕ್ಸೋರಿಯಸ್ ಅವರು,
ಇಂಗ್ಲಿಷ್ ಗುಣವಾಚಕರು,
ಯು ಅಕ್ಷರದ ಓಣಿ, ತೀರಾ ಕೊನೆಯ ಮನೆಗಳ ಸಾಲು,
ಡಿಕ್ಷನರಿ.

ಮಾನ್ಯರೇ,

ಲ್ಯಾಟಿನ್ ಮನೆತನದಲ್ಲಿ ಹುಟ್ಟಿ, ಇಂಗ್ಲಿಷಿನಲ್ಲಿ ಬೆಳೆದು, ವರ್ಷಕ್ಕೊಮ್ಮೆಯೂ ಯಾರ ಬಾಯಿಗೂ ಬಾರದಷ್ಟು ದೊಡ್ಡಸ್ತಿಕೆಯಿಂದ ಬಾಳುತ್ತಿರುವ ತಮಗೆ, ಬೀದರ ನಗರದ ಚಿದ್ರಿಯ ಬಾಡಿಗೆ ಮನೆಯೊಂದರಿಂದ ಈ ಹೊಸ ಮದುಮಗಳು ಮಾಡುವ ನಮಸ್ಕಾರಗಳು. ತಮ್ಮ ಮನೆಯಲ್ಲಿ ಕಾಗುಣಿತ, ಉಚ್ಚಾರಣೆ ಎಲ್ಲ ಕ್ಷೇಮವೆಂದು ನಂಬಿದ್ದೇನೆ. ಪತ್ರವನ್ನು ಕನ್ನಡದಲ್ಲಿ ಬರೆಯುತ್ತಿರುವುದಕ್ಕೆ ತಾವು ಬೇಸರಪಡಬಾರದು. ಒಂದನೇ ತರಗತಿಯಿಂದ ಇಂಗ್ಲಿಷ್ ಮಾಧ್ಯಮದಲ್ಲೇ ಓದಿದವಳು ನಾನು, ಆ ಭಾಷೆಯಲ್ಲಿ ಬರೆಯಲು ಬರದೆ ಏನಿಲ್ಲ. ಆದರೆ ಅದರಲ್ಲಿ ಬರೆಯಲು ಕುಳಿತರೆ ತಮ್ಮಂಥ ಇನ್ನೊಬ್ಬರು ಯಾರಾದರೂ ಸಾಲುಗಳ ನಡುವೆ ಬಂದು ಕುಳಿತುಬಿಡುತ್ತಾರೆಂಬ ಭಯ.

ನನ್ನ ಪರಿಚಯ ಹೇಳುತ್ತೇನೆ. ನಾನು ಭಾಲ್ಕಿಯ ಮಗಳು, ಔರಾದದ ಸೊಸೆ, ಹೆಸರು ವಿಶಾಖಾ. ನಮ್ಮವರ ಹೆಸರು ನಾಗಸೇನ, ಬೀದರದ ಒಂದು ಲ್ಯಾಬಿನಲ್ಲಿ ಟೆಕ್ನಿಷಿಯನ್. ಜನರ ರಕ್ತ ತೆಗೆಯುವ ಕೆಲಸ ಅವರದು, ಆದರೂ ಸೂಜಿ ಚುಚ್ಚುವ ಮೊದಲು ತಾವೇ ಕಣ್ಣು ಕಿರಿದು ಮಾಡಿ 'ಸ್ಸ್' ಎನ್ನುವಷ್ಟು ಮೃದು ಮನುಷ್ಯ. ಅವರ ಬಗ್ಗೆ ಬರೆಯಲು ಶುರು ಮಾಡಿದರೆ ಈ ಪತ್ರ ತಮ್ಮ ಡಿಕ್ಷನರಿಗಿಂತ ದಪ್ಪವಾದೀತು, ಆದ್ದರಿಂದ ಕಷ್ಟಪಟ್ಟು ನಿಲ್ಲಿಸುತ್ತೇನೆ.

ನಮ್ಮ ಕಡೆ ಹೊಸ ಸೊಸೆ ಗಂಡನ ಮನೆಯ ಹೊಸ್ತಿಲು ದಾಟುವ ಮುನ್ನ ಒಡಪು ಹೇಳಬೇಕು, ಅಂದರೆ ಪ್ರಾಸ ಕಟ್ಟಿದ ಎರಡು ಸಾಲಿನೊಳಗೆ ಗಂಡನ ಹೆಸರನ್ನು ಸೇರಿಸಿ ಎಲ್ಲರಿಗೂ ಕೇಳುವಂತೆ ಹೇಳಬೇಕು. ಹೇಳುವ ತನಕ ನಾದಿನಿಯರು ಬಾಗಿಲು ಬಿಡುವುದಿಲ್ಲ. ನನ್ನ ನಾದಿನಿ ಸುಮನ ಎರಡೂ ಕೈ ಚೌಕಟ್ಟಿಗೆ ಹಚ್ಚಿ ನಿಂತು, "ವೈನಿ, ಹಳೇ ಒಡಪು ನಡೆಂಗಿಲ್ರಿ, ನೀವು ಇಂಗ್ಲಿಷ್ ಸಾಲ್ಯಾಗ ಕಲ್ತವ್ರು, ಹೊಸಾದು ಹೇಳ್ರಿ, ಇಲ್ಲಂದ್ರ ಇಲ್ಲೇ ನಿಂದರ್ರಿ" ಎಂದು ಸವಾಲು ಹಾಕಿದಳು. ನನಗೇನು, ತಯಾರಿ ಜೋರಾಗಿಯೇ ಇತ್ತು. ಹಿಂದಿನ ದಿನ ಮೆಹಂದಿ ಹಚ್ಚಿದ ಕೈಯ ಒಂದೇ ಬೆರಳಿನಿಂದ ಫೋನಿನ ಡಿಕ್ಷನರಿಯಲ್ಲಿ 'ಹೆಂಡತಿಯನ್ನು ಪ್ರೀತಿಸುವವನು' ಎಂಬುದಕ್ಕೆ ಚೆಂದದ ಶಬ್ದ ಹುಡುಕಿದಾಗ ತಾವು ದರ್ಶನ ಕೊಟ್ಟಿದ್ದಿರಿ, ಮೊದಲ ಸಾಲಿನಲ್ಲಿ 'ಹೆಂಡತಿಯ ಮೇಲೆ ಬಹಳ ಅಕ್ಕರೆಯುಳ್ಳ' ಎಂದು ಬರೆದುಕೊಂಡು, ತುಂಬ ಸಭ್ಯಸ್ಥರಂತೆ. ಆ ಸಾಲಿನ ಕೆಳಗೆ ತಮ್ಮ ಉಳಿದ ಸಂಸಾರವೆಲ್ಲ ಕುಳಿತಿದೆ ಎಂದು ನನಗೆ ಹೇಗೆ ಗೊತ್ತಾಗಬೇಕು? ಬೆರಳಿಗೆ ಮೆಹಂದಿ ಇತ್ತು, ಪರದೆ ಸರಿಸಲಾಗಲಿಲ್ಲ. ನಾನು ತಲೆಯೆತ್ತಿ ಹೇಳಿಯೇಬಿಟ್ಟೆ:

ಭಾಲ್ಕಿ ಟೇಸನ್ನಾಗ ರೈಲ ನಿಂತದ, ಔರಾದ ಸಡಕಿಗಿ ಬಸ್ ಬಂದದ,
ಅಕ್ಸೋರಿಯಸ್ ನಾಗಸೇನರ ಹೆಸರ ನನ್ನ ಎದಿಯಾಗ ಕುಂತದ.

ಚಪ್ಪಾಳೆಯೋ ಚಪ್ಪಾಳೆ! ಸುಮನ ಬಾಗಿಲು ಬಿಟ್ಟಳು. ನಮ್ಮವರ ಕಿವಿ ಕೆಂಪಗಾಯಿತು. ನಮ್ಮ ಅತ್ತೆ ಅಂಜನಾಬಾಯಿ "ಏನೋ ದೊಡ್ಡ ಡಿಗ್ರಿ ಹೇಳಿದ್ಲು ನೋಡ್ರಿ ನಮ್ಮ ಹುಡುಗಂದು" ಎಂದು ಪಕ್ಕದವರಿಗೆ ಹೆಮ್ಮೆಯಿಂದ ಹೇಳಿದರು. ಅಷ್ಟಕ್ಕೇ ನಿಂತಿದ್ದರೆ ತಮಗೂ ನನಗೂ ಜನ್ಮಕ್ಕೆ ಸಾಕಾಗುವಷ್ಟು ಸ್ನೇಹ ಉಳಿಯುತ್ತಿತ್ತು. ಆದರೆ ಆ ಪಡಸಾಲೆಯಲ್ಲಿ ನಮ್ಮ ಮಾವನವರ ತಮ್ಮ ಸುಶೀಲಕುಮಾರ ಕಾಕಾ ಇದ್ದರು, ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸಿ ನಿವೃತ್ತರಾದವರು, ಮತ್ತು ನಿವೃತ್ತಿಯಾದ ಮೇಲೆ ಯಾರೂ ಏನೂ ಕೇಳುತ್ತಿಲ್ಲವೆಂಬ ದುಃಖದಲ್ಲಿದ್ದವರು. ಅವರು ಕನ್ನಡಕ ಏರಿಸಿ, ಅಕ್ಸೋರಿಯಸ್ ಎಂಬ ತಮ್ಮ ಪೂರ್ತಿ ಜಾತಕವನ್ನು ಜನರ ಮುಂದೆ ಓದಿದರು.

ಅಬ್ಬಾ, ಎಂಥ ಬಹುಮುಖ ವ್ಯಕ್ತಿತ್ವ ತಮ್ಮದು! ಒಂದು ಕಡೆ ತಾವು ಅಕ್ಕರೆ, ಅದರ ಕೆಳಗೆ 'ಅತಿಯಾದ' ಅಕ್ಕರೆ, ಅದಕ್ಕೂ ಕೆಳಗೆ ಹೆಂಡತಿಗೆ ಅಧೀನನಾಗಿ ಬಾಗಿ ನಡೆಯುವವನು. ಕಾಕಾ ಹೇಳಿದ ಪ್ರಕಾರ ಹಳೆಯ ಕಾಲದವರು ತಮ್ಮನ್ನು ನೇರವಾಗಿ ಬೈಗುಳವಾಗಿಯೇ ಬಳಸುತ್ತಿದ್ದರಂತೆ, ಈಗಿನವರು ತುಸು ನಕ್ಕು ಬಳಸುತ್ತಾರಂತೆ, ಮತ್ತು ಇಂಗ್ಲಿಷ್ ಪತ್ರಿಕೆಗಳಲ್ಲಿ ಯಾರಾದರೂ ದೊಡ್ಡ ಮನುಷ್ಯ ಸತ್ತ ಮರುದಿನ ಮಾತ್ರ ತಾವು ಶುದ್ಧ ಹೊಗಳಿಕೆಯಾಗುತ್ತೀರಂತೆ. ಅಂದರೆ ಹೆಂಡತಿಯನ್ನು ಮನಸಾರೆ ಪ್ರೀತಿಸಿದವನು ಬದುಕಿರುವ ತನಕ ನಗೆಪಾಟಲು, ತೀರಿಕೊಂಡ ಮೇಲೆ ಸದ್ಗುಣಿ. ಎಂಥ ಉದಾರ ನಿಯಮ! ನಮ್ಮವರಿಗೆ ಈ ಗೌರವ ಸಿಗಲೆಂದು ನಾನು ಅವಸರಪಡುವುದಿಲ್ಲ ಎಂಬುದನ್ನು ಮಾತ್ರ ಇಲ್ಲಿಯೇ ಸ್ಪಷ್ಟಪಡಿಸುತ್ತೇನೆ.

ಪಡಸಾಲೆಗೆ ಪಡಸಾಲೆಯೇ ನಕ್ಕಿತು. "ಅಂದ್ರ ನಮ್ಮ ಜೋರು ಕಾ ಗುಲಾಮ ಅನ್ರಲಾ, ಅದಕ್ಕ ಇಂಗ್ಲಿಷ್ ಕೋಟ್ ಹಾಕ್ಸೀರಿ" ಎಂದು ಯಾರೋ ಹಿಂದಿನಿಂದ ಕೂಗಿದರು. ಗಮನಿಸಿ ಮಾನ್ಯರೇ, 'ಹೆಂಡತಿಯ ಗುಲಾಮ' ಎಂಬ ಈ ಸರಕು ನಮ್ಮಲ್ಲಿ ಮೊದಲೇ ಹೇರಳವಾಗಿತ್ತು, ತಮ್ಮಿಂದ ಆಮದು ಮಾಡಿಕೊಳ್ಳುವ ಅಗತ್ಯವೇ ಇರಲಿಲ್ಲ. ಆದರೆ ಹಳೆಯ ಬೈಗುಳಕ್ಕೆ ಯಾರೂ ಬೆಲೆ ಕೊಡುವುದಿಲ್ಲ, ಅದು ಎಲ್ಲರಿಗೂ ಒಂದಿಲ್ಲೊಂದು ದಿನ ಸಿಕ್ಕಿರುತ್ತದೆ. ಹೊಸದು ನಮ್ಮವರೊಬ್ಬರಿಗೇ ಸಿಕ್ಕಿತು.

ಔರಾದಕ್ಕೆ ರೈಲು ಇಲ್ಲವೆಂದು ಜನ ಕೊರಗುತ್ತಾರೆ, ಆದರೆ ತಾವು ರೈಲಿಗಿಂತ ವೇಗವಾಗಿ ಊರೆಲ್ಲ ಸುತ್ತಿದಿರಿ, ಹೋದಲ್ಲೆಲ್ಲ ಹೊಸ ಅರ್ಥ ಪಡೆದಿರಿ. ಪಕ್ಕದ ಮನೆಯ ಅಜೀಜಾ ಬೇಗಂ ತಮ್ಮನ್ನು ಜ್ವರದ ಜಾತಿಗೆ ಸೇರಿಸಿ, ತುಂಬ ಕಳಕಳಿಯಿಂದ "ಅಂಜನಾಬಾಯಿ, ನಿಮ್ಮ ಹುಡುಗಗ ಅದೇನೋ ಅಕ್ಸೋರಿಯಸ್ ಆಗ್ಯಾದಂತ, ಸುಮ್ಮ ಮನ್ಯಾಗ ಇಟ್ಕೊಂಡು ಕೂಡಬ್ಯಾಡ್ರಿ, ಬೀದರಿಗಿ ಒಯ್ದು ತೋರಿಸ್ರಿ" ಎಂದರು. ನಮ್ಮ ಅತ್ತೆ "ಬೀದರನಾಗೇ ಹತ್ಯಾದ ತಗೋರಿ ಅದು" ಎಂದು ನನ್ನ ಕಡೆ ನೋಡಿದರು. ಬಸ್ ನಿಲ್ದಾಣದ ಚಹಾದಂಗಡಿಯ ಶರಫೋದ್ದೀನ ಸಕ್ಕರೆ ಜಾಸ್ತಿ ಬಿದ್ದ ಚಹಾಕ್ಕೆ ತಮ್ಮ ಹೆಸರಿಟ್ಟ. ಈಗ ಅಲ್ಲಿ ಗಿರಾಕಿಗಳು "ಒಂದು ಸಾದಾ, ಒಂದು ಅಕ್ಸೋರಿಯಸ್" ಎಂದೇ ಕೇಳುತ್ತಾರೆ. ಒಂದೇ ಮಳೆಗಾಲದಲ್ಲಿ ಇಷ್ಟು ಹೊಸ ಅರ್ಥ ಸಂಪಾದಿಸಿದ ಇಂಗ್ಲಿಷ್ ಶಬ್ದ ಇನ್ನೊಂದಿರಲಾರದು. ಅಭಿನಂದನೆಗಳು.

ಇನ್ನು ನನ್ನ ನಿಜವಾದ ದೂರಿಗೆ ಬರುತ್ತೇನೆ. ಅದು ದಸ್ತಿಯ ವಿಷಯ.

ತಮ್ಮ ಡಿಕ್ಷನರಿಯ ಊರಿನಲ್ಲಿ ಬಸ್ಸಿನ ಸೀಟು ಹೇಗೆ ಹಿಡಿಯುತ್ತಾರೋ ತಿಳಿಯದು. ನಮ್ಮಲ್ಲಿ ಬಸ್ಸು ನಿಲ್ದಾಣಕ್ಕೆ ತಿರುಗುತ್ತಿದ್ದಂತೆ ಅದರ ಪಕ್ಕದಲ್ಲಿ ಓಡಿ, ಕಿಟಕಿಯೊಳಗಿಂದ ದಸ್ತಿಯನ್ನು, ಅಂದರೆ ಕರವಸ್ತ್ರವನ್ನು, ಸೀಟಿನ ಮೇಲೆ ಎಸೆಯಬೇಕು. ಆಮೇಲೆ ಆ ಸೀಟು ದಸ್ತಿಯವರದು. ಎಂಥ ಪೈಲ್ವಾನನೂ ಅದರ ಮೇಲೆ ಕೂಡುವುದಿಲ್ಲ. ನಾವಿಬ್ಬರೂ ರವಿವಾರ ಔರಾದದ ಮನೆಗೆ ಹೋಗಿ ಸೋಮವಾರ ಬೆಳಿಗ್ಗೆ ಬೀದರಿಗೆ ಮರಳುತ್ತೇವೆ, ಮತ್ತು ಸೋಮವಾರದ ಬಸ್ಸೆಂದರೆ ಅರ್ಧ ತಾಲ್ಲೂಕು ಅದರಲ್ಲೇ ಇರುತ್ತದೆ. ಮದುವೆಯಾದ ಹೊಸದರಲ್ಲಿ ನಮ್ಮವರು ಓಡುತ್ತಿದ್ದ ಚೆಂದವೇನು, ನೀಲಿ ಅಂಚಿನ ದಸ್ತಿ ಜನರ ತಲೆಗಳ ಮೇಲಿಂದ ಹಾರಿ ನೆರಳಿನ ಕಡೆಯ ಕಿಟಕಿಯ ಸೀಟಿಗೇ ಬೀಳುತ್ತಿದ್ದ ಚೆಂದವೇನು! ಒಡವೆ ವಸ್ತ್ರ ಏನೂ ಬೇಡ, ಹೆಂಗಸಿಗೆ ಸೋಮವಾರದ ಬಸ್ಸಿನಲ್ಲಿ ಕಿಟಕಿಯ ಸೀಟು ಸಿಕ್ಕರೆ ಅವಳು ಮಹಾರಾಣಿ.

ತಾವು ಊರೆಲ್ಲ ಸುತ್ತಿ ಚಹಾದಂಗಡಿಗೆ ದಯಮಾಡಿಸಿದ ನಂತರದ ಒಂದು ಸೋಮವಾರ, ನಮ್ಮವರು ದಸ್ತಿ ಹಿಡಿದು ಓಡುತ್ತಿದ್ದಾಗ ಚಹಾದಂಗಡಿಯಿಂದ "ಓಡು ಓಡು ಅಕ್ಸೋರಿಯಸ್, ಸೀಟ್ ಹೋತು!" ಎಂದು ಯಾರೋ ಕೂಗಿದರು, ನಿಲ್ದಾಣವೆಲ್ಲ ನಕ್ಕಿತು. ಅವರ ಕಾಲುಗಳು ನಿಂತವು. ದಸ್ತಿ ಮಡಚಿ ಜೇಬಿಗೆ ಸೇರಿತು. ಅಂದಿನಿಂದ ಅವರು ಬಸ್ಸು ಬಂದಾಗ ಚಹಾದಂಗಡಿಯ ಬೋರ್ಡನ್ನು ಹೊಸದಾಗಿ ಓದುವವರಂತೆ ನೋಡುತ್ತ ನಿಲ್ಲುತ್ತಾರೆ, ನಾನು ಕಂಬಿ ಹಿಡಿದು ಬೀದರಿನವರೆಗೆ ತೂಗಾಡುತ್ತೇನೆ. ಸೀಟು ಹೋದರೆ ಹೋಗಲಿ. ಆದರೆ ಬಸ್ಸಿನಲ್ಲಿ ನನ್ನ ಹತ್ತಿರ ನಿಲ್ಲುವುದನ್ನೂ ಬಿಟ್ಟರು, ಬೀದರ ಸಮೀಪದ ನೌಬಾದ ದಾಟಿದ ಮೇಲೆಯೇ ಮಾತಾಡತೊಡಗಿದರು, ಮನೆಯಲ್ಲಿ ಚಹಾ ಮಾಡಿಕೊಟ್ಟರೂ ಕಿಟಕಿ ಮುಚ್ಚಿ ಕೊಡತೊಡಗಿದರು. ಪ್ರೀತಿ ಕಡಿಮೆಯಾಗಿದ್ದರೆ ನಾನು ಅವರೊಂದಿಗೆ ಜಗಳ ಮಾಡಬಹುದಿತ್ತು. ಕಡಿಮೆಯಾಗಿರಲಿಲ್ಲ, ಅದಕ್ಕೆ ನಾಚಿಕೆ ಹತ್ತಿತ್ತು. ಅದರೊಂದಿಗೆ ಹೇಗೆ ಜಗಳ ಮಾಡುವುದು? ಆದ್ದರಿಂದ ತಮ್ಮೊಂದಿಗೆ ಮಾಡುತ್ತಿದ್ದೇನೆ.

ತಮ್ಮ ನೆರೆಹೊರೆಯನ್ನೂ ಒಮ್ಮೆ ನೋಡಿಬಂದೆ. ಗೋಡೆಗೆ ಗೋಡೆ ಹತ್ತಿದ ಮನೆಗಳಲ್ಲಿ ತಮ್ಮ ದಾಯಾದಿಗಳಿದ್ದಾರೆ: ಒಬ್ಬರು ಅಕ್ಸೋರಿಲೋಕಲ್, ಮನೆ ಅಳಿಯನಾಗಿ ಹೆಂಡತಿಯ ಮನೆಯಲ್ಲಿರುವವರು; ಇನ್ನೊಬ್ಬರು ಅಕ್ಸೋರಿಸೈಡ್, ಅಂದರೆ ಹೆಂಡತಿಯನ್ನು ಕೊಲ್ಲುವುದು. ಹೆಂಡತಿಯನ್ನು ಕೊಲ್ಲುವುದಕ್ಕೆ ಒಂದು ಶಬ್ದ, ಅತಿಯಾಗಿ ಪ್ರೀತಿಸುವವನಿಗೆ ಒಂದು ಶಬ್ದ. ಇವೆರಡರ ನಡುವೆ, ಸರಿಯಾಗಿ ಪ್ರೀತಿಸಿ ಅವಳೊಂದಿಗೆ ಬಾಳುವವನಿಗೆ ತಮ್ಮ ಓಣಿಯಲ್ಲಿ ಒಂದು ಗುಡಿಸಲೂ ಇಲ್ಲ. ಪಾಪ, ಅಂಥವನು ಬಾಡಿಗೆಗೆ ಚಿದ್ರಿಗೆ ಬರಬೇಕಾಯಿತು.

ಆದಕಾರಣ ತಮ್ಮಲ್ಲಿ ಕೆಲವು ಅತ್ಯಂತ ಸಣ್ಣ ವಿನಂತಿಗಳು. ಮೊದಲನೆಯದಾಗಿ, 'ಅತಿ' ಎಲ್ಲಿಂದ ಶುರುವಾಗುತ್ತದೆ ಎಂದು ಬೀದರದ ಕೋಟೆಯ ಗೋಡೆಯ ಮೇಲೆ ದೊಡ್ಡದಾಗಿ ಬರೆಸಿಕೊಡಬೇಕು. ಗಂಡನು ಹೆಂಡತಿಗೆ ಚಹಾ ಮಾಡಿಕೊಡುವುದು ಹದದೊಳಗೆ ಬರುತ್ತದೆಯೋ, ಕಪ್ಪಿನಿಂದ ಬಶಿಗೆ ಹೊಯ್ದು ಆರಿಸಿ ಕೊಡುವುದರಲ್ಲಿ ಹದ ಮೀರುತ್ತದೆಯೋ ತಿಳಿದರೆ ನಮಗೂ ಅನುಕೂಲ. ಹಾಗೆಯೇ, ಗಂಡನನ್ನು ಅತಿಯಾಗಿ ಪ್ರೀತಿಸುವ ಹೆಂಡತಿಗೆ ತಮ್ಮಂಥದೇ ಒಂದು ಶಬ್ದವನ್ನು ಕಳುಹಿಸಿಕೊಡಬೇಕು. ನನ್ನ ಫೋನಿನ ಡಿಕ್ಷನರಿಯನ್ನೆಲ್ಲ ಜಾಲಾಡಿದೆ, ಸಿಗಲಿಲ್ಲ. ಹೆಂಡತಿಯ ಪ್ರೀತಿಗೆ 'ಅತಿ' ಎಂಬುದೇ ಇಲ್ಲವೆಂದೋ, ಎಷ್ಟು ಮಾಡಿದರೂ ಅದು ಅವಳ ನಿತ್ಯದ ಕೆಲಸದಲ್ಲೇ ಜಮಾ ಆಗುತ್ತದೆಂದೋ ಕಾಣೆ. ಮತ್ತು ಸಾಧ್ಯವಾದರೆ ತಾವು ಖುದ್ದಾಗಿ ಔರಾದ ಬಸ್ ನಿಲ್ದಾಣಕ್ಕೆ ಬಂದು, ಚಹಾದಂಗಡಿಯ ಮುಂದೆ ನಿಂತು, ಎಲ್ಲರೆದುರು ನಮ್ಮವರ ಕ್ಷಮೆ ಕೇಳಬೇಕು.

ಈ ಪತ್ರವನ್ನು ಇಲ್ಲಿಗೇ ಮುಗಿಸುವವಳಿದ್ದೆ. ಅಷ್ಟರಲ್ಲಿ ಮೊನ್ನೆಯ ಸೋಮವಾರ ಬಂತು.

ಅತ್ತೆಗೆ ಬೀದರದಲ್ಲಿ ಕಣ್ಣು ತೋರಿಸುವುದಿತ್ತು, ಮಾವ ವೈಜಿನಾಥರೂ ಹೊರಟಿದ್ದರು. ಮಾವನವರು ಎಂಥವರೆಂದರೆ, ಅವರು ಪಡಸಾಲೆಗೆ ಬಂದರೆ ಟಿವಿ ತಾನಾಗಿ ಸಣ್ಣ ದನಿ ಮಾಡಿಕೊಳ್ಳುತ್ತದೆ. ಬಸ್ಸು ತಿರುಗಿತು. ನಮ್ಮವರು ಎಂದಿನಂತೆ ಬೋರ್ಡು ಓದುತ್ತಿದ್ದರು. ಮಾವ ಹೆಗಲ ಮೇಲಿನ ಟವೆಲನ್ನು ತೆಗೆದು, ಧೋತರದ ಚುಂಗು ಎತ್ತಿ ಹಿಡಿದು, ಆ ವಯಸ್ಸಿನಲ್ಲಿ ಬಸ್ಸಿನ ಜೊತೆ ಓಡಿದರು ಮಾನ್ಯರೇ, ಓಡಿ ಡ್ರೈವರನ ಹಿಂದಿನ ಸೀಟಿಗೆ ಟವೆಲ್ ಬೀಸಿದರು, ಅಲ್ಲಿ ಕೂಡಲು ಹೋದವನೊಬ್ಬನಿಗೆ "ಏ ತಮ್ಮಾ, ನಮ್ಮಾಕಿ ಕೂಡ್ತಾಳ ಅಲ್ಲಿ, ಸರಿ" ಎಂದು ಗದರಿದರು. ಯಾರೂ ನಗಲಿಲ್ಲ. ಚಹಾದಂಗಡಿಯವರು ತಲೆಯನ್ನೂ ಎತ್ತಲಿಲ್ಲ, ಸೂರ್ಯ ಹುಟ್ಟಿದ್ದನ್ನು ಯಾರು ಎದ್ದು ನೋಡುತ್ತಾರೆ? "ಅತ್ತಿ, ಮಾವಾರು ಯಾವಾಗಿಂದ ಹಿಂಗ ಟವೆಲ್ ಹಾಕ್ತಾರ್ರೀ?" ಎಂದು ನಾನು ಬೆರಗಾಗಿ ಕೇಳಿದರೆ, ಅತ್ತೆ ಬಸ್ಸು ಹತ್ತುತ್ತ, "ಹಾಕ್ದೆ ಏನ್ ಮಾಡ್ತಾರ? ನಾ ನಿಂತ ಹೋದ್ರ ಆಮ್ಯಾಲೆ ಮೊಣಕಾಲು ಅವ್ರೇ ತಿಕ್ಕಬೇಕಲ್ಲ" ಎಂದರು.

ಇಷ್ಟು ವರ್ಷ ಈ ಮನುಷ್ಯ ತಮ್ಮಂಥ ಶಬ್ದದ ಪರಿಚಯವೇ ಇಲ್ಲದೆ ಟವೆಲ್ ಹಾಕುತ್ತ ಬಂದಿದ್ದರು. ನನಗೆ ಏನಾಯಿತೋ, ನಮ್ಮವರ ಜೇಬಿಗೆ ಕೈ ಹಾಕಿ ನೀಲಿ ಅಂಚಿನ ದಸ್ತಿ ಕಿತ್ತುಕೊಂಡೆ. ಸೀರೆಯ ನೆರಿಗೆ ಎತ್ತಿ ಓಡಿದೆ. ಸಿಕ್ಕ ಕಿಟಕಿಯೊಳಗೆ ಎಸೆದು, ಇಡೀ ನಿಲ್ದಾಣಕ್ಕೆ ಕೇಳುವಂತೆ "ನಮ್ಮವರು ಕೂಡ್ತಾರ್ರೀ ಅಲ್ಲಿ!" ಎಂದು ಕೂಗಿದೆ. ಶರಫೋದ್ದೀನ ಚಹಾ ಸೋಸುವುದನ್ನು ನಿಲ್ಲಿಸಿ, "ವೈನಿ, ಇದಕ್ಕ ಇಂಗ್ಲಿಷ್ನಾಗ ಏನಂತಾರ್ರೀ?" ಎಂದ. ನಾನು ಬಾಯಿ ತೆರೆದೆ. ತಾವು ಕಳುಹಿಸಬೇಕಾಗಿದ್ದ ಶಬ್ದ ಇನ್ನೂ ಬಂದಿರಲಿಲ್ಲ. "ಇಂಗ್ಲಿಷ್ನವ್ರಿಗಿ ಗೊತ್ತಿಲ್ಲಂತ" ಎಂದುಬಿಟ್ಟೆ.

ನಮ್ಮವರು ಕಿವಿ ಕೆಂಪಗೆ ಮಾಡಿಕೊಂಡೇ ಬಂದು ದಸ್ತಿಯ ಸೀಟಿನಲ್ಲಿ ಕುಳಿತರು, ನನ್ನನ್ನು ಪಕ್ಕದಲ್ಲಿ ಕೂಡಿಸಿಕೊಂಡರು. ದಾರಿಯಲ್ಲಿ ಸಂತಪುರ ಬಂದಾಗ ಹಣೆಯ ಬೆವರು ಒರೆಸಿಕೊಳ್ಳುತ್ತ, ಬಸ್ಸಿನಲ್ಲಿ ಎಲ್ಲರಿಗೂ ಕೇಳುವಷ್ಟು ದೊಡ್ಡ ದನಿಯಲ್ಲಿ ಅಂದರು: "ಮುಂದಿನ ಸೋಮವಾರ ನಾನೇ ಹಾಕ್ತೇನಿ. ನೀ ಬಿಸಿಲ ಕಡಿ ಹಾಕೀದಿ."

ಇಷ್ಟೆಲ್ಲ ಆದಮೇಲೂ, ಬೇರೆ ದಾರಿಯಿಲ್ಲದೆ,
ತಮ್ಮ ವಿಶ್ವಾಸಿ,
ವಿಶಾಖಾ ನಾಗಸೇನ
ಚಿದ್ರಿ, ಬೀದರ

ತಾ.ಕ.: ಕ್ಷಮೆ ಕೇಳಲು ತಾವು ಔರಾದಕ್ಕೆ ಬರುವುದಾದರೆ ಸೋಮವಾರ ಬೆಳಿಗ್ಗೆ ಬರಬೇಡಿ. ಬಂದರೂ ಬೀದರಿನವರೆಗೆ ಕಂಬಿ ಹಿಡಿದು ನಿಂತೇ ಬರಬೇಕಾಗುತ್ತದೆ. ನೆರಳಿನ ಕಡೆಯ ಸೀಟಿನ ಮೇಲೆ ದಸ್ತಿ ಇರುತ್ತದೆ, ಮತ್ತು ತಮಗಾಗಿ ಓಡಿ ಸೀಟು ಹಿಡಿಯುವವರು ಯಾರಾದರೂ ಇದ್ದಾರೆಂದು ತಮ್ಮ ಡಿಕ್ಷನರಿಯಲ್ಲಿ ಎಲ್ಲಿಯೂ ಬರೆದಿಲ್ಲ.