ಚಪ್ಪಾಳೆ ಉಳಿಸಿಕೊಂಡ ಸಂಘ

ಸಂಡೂರಿನ ಅದಿರು ನೌಕರರ ರಸಿಕ ಸಂಘದ ಸಭಾಂಗಣದಲ್ಲಿ ಅಧ್ಯಕ್ಷರ ಭಾಷಣವಿಲ್ಲದೆ ಯಾವ ಸಂಗೀತವನ್ನೂ ಕೇಳತಕ್ಕದ್ದಲ್ಲ ಎಂಬುದು ನಿಯಮ. ನಿಯಮ ಒಳ್ಳೆಯದೇ. ಅದಿಲ್ಲದಿದ್ದರೆ ಜನ ಬರೀ ಸಂಗೀತ ಕೇಳಿ ಮನೆಗೆ ಹೋಗಿಬಿಡುವ ಅಪಾಯವಿತ್ತು.

ವಡ್ಡು ಗ್ರಾಮದ ದುರುಗೇಶನಿಗೆ ಬೇಕಾಗಿದ್ದದ್ದು ಆ ಅಪಾಯವೇ. ಅದಿರು ಪುಡಿಮಾಡುವ ಕ್ರಷರಿನ ಪಕ್ಕ ವರ್ಷಗಟ್ಟಲೆ ನಿಂತು ಅವನ ಕಿವಿ ಮಂದವಾಗಿತ್ತು. ಉಳಿದದ್ದೂ ಹೋಗುತ್ತದೆ ಎಂದು ಡಾಕ್ಟರು ಹೇಳಿದ್ದರು. ಬ್ಲೂಸ್ ರಾಕ್ ಗಿಟಾರ್ ನುಡಿಸುವ ಅಮೆರಿಕದ ಮುದುಕನೊಬ್ಬನೆಂದರೆ ಅವನಿಗೆ ಪಂಚಪ್ರಾಣ. ಆ ಮುದುಕ ತುಂಬಿದ ಸಭೆಯೆದುರು ನುಡಿಸಿದ ಲೈವ್ ಆಲ್ಬಮ್ಮನ್ನು ಲಾಸ್‌ಲೆಸ್ ಫೈಲಿನಲ್ಲೇ ಕೊಂಡಿದ್ದ. ಧ್ವನಿಯ ಒಂದೆಳೆಯನ್ನೂ ಕತ್ತರಿಸದ ಫೈಲು. ತಂತಿಯ ಮೇಲೆ ಬೆರಳು ಜಾರುವುದೂ ಕೇಳುತ್ತದಂತೆ. ಕಿವಿ ಇರುವಾಗಲೇ ಅದನ್ನು ಸಂಘದ ದೊಡ್ಡ ಸ್ಪೀಕರಿನಲ್ಲಿ ಒಮ್ಮೆ ಪೂರ್ತಿ ಕೇಳಬೇಕೆಂಬುದೊಂದೇ ಅವನ ಆಸೆ.

ಕಾರ್ಯದರ್ಶಿ ಜಡೆಪ್ಪನವರು ಉದಾರಿಗಳು. 'ಹಿರಿಯ ಗಿಟಾರ್ ವಾದಕರ ರಸಾಸ್ವಾದನಾ ಸಮಾರಂಭ' ಎಂದು ಬ್ಯಾನರ್ ಬರೆಸಿದರು. ದೀಪ, ಸ್ವಾಗತ, ಪ್ರಾಸ್ತಾವಿಕ ನುಡಿ ಮುಗಿದರೂ ಅಧ್ಯಕ್ಷ ದೊಡ್ಡಬಸಪ್ಪನವರು ಬರಲಿಲ್ಲವಾದ್ದರಿಂದ, ಅವರು ಬರುವವರೆಗೆ ಎಂಬ ಷರತ್ತಿನ ಮೇಲೆ ಆಲ್ಬಮ್ ಹಾಕಿದರು. ಮುದುಕ ತಂತಿ ಮೀಟಿದ. ದುರುಗೇಶನ ಕಣ್ಣು ತುಂಬಿತು. ಅಷ್ಟರಲ್ಲಿ ಅಧ್ಯಕ್ಷರು ಬಾಗಿಲಲ್ಲಿ ಕಾಲಿಟ್ಟರು; ಅದೇ ಹೊತ್ತಿಗೆ ಆಲ್ಬಮ್ಮಿನೊಳಗಿನ ಸಾವಿರಾರು ಜನ ಚಪ್ಪಾಳೆ ತಟ್ಟಿದರು.

ಅಧ್ಯಕ್ಷರು ನಿಂತು ಕೈ ಮುಗಿದರು. ಎದುರಿಗಿದ್ದವರು ಬೆರಳೆಣಿಕೆಯ ಮಂದಿ, ಅದರಲ್ಲೂ ಅರ್ಧ ಊಟಕ್ಕೆ ಬಂದವರು. ಚಪ್ಪಾಳೆ ಎಲ್ಲಿಂದ ಬಂತೆಂದು ಜಡೆಪ್ಪನವರು ವಿನಯದಿಂದ ವಿವರಿಸಿದರು. ವಿವರಣೆಯಿಂದ ಅಧ್ಯಕ್ಷರ ಸಂತೋಷವೇನೂ ಕಡಿಮೆಯಾಗಲಿಲ್ಲ. "ಇಂಥ ಚಪ್ಪಾಳಿ ಹೊಸಪೇಟ್ಯಾಗೂ ನನಗ ಬಿದ್ದಿಲ್ಲ. ಇನ್ನೊಮ್ಮೆ ಹಾಕ್ರಿ" ಎಂದು ಹೊರಗೆ ಹೋಗಿ ಮತ್ತೆ ಒಳಗೆ ಬಂದರು.

"ಸರ್, ನಡುವ ಆತ ಬಾರ್ಸಾದನ್ನ ಒಂಚೂರು ಕೇಳಾಣ್ರಿ. ನನ್ನ ಕಿವಿ ಭಾಳ ದಿನ ಇರಂಗಿಲ್ಲ" ಎಂದ ದುರುಗೇಶ.

"ಕಿವಿ ಹೋದ್ರ ಏನಾತೋ ತಮ್ಮಾ, ತಟ್ಟಾಕ ಕೈ ಅದಾವಲ್ಲ" ಎಂದು ಅಧ್ಯಕ್ಷರು ಪ್ರೀತಿಯಿಂದಲೇ ಸಮಾಧಾನ ಹೇಳಿದರು.

ಅಂದೇ ಠರಾವಾಯಿತು: ಚಪ್ಪಾಳೆಗಳ ನಡುವೆ ಅಡ್ಡ ಬರುವ ಗಿಟಾರನ್ನು ತೆಗೆದುಹಾಕತಕ್ಕದ್ದು, ಚಪ್ಪಾಳೆಯ ಒಂದೆಳೆಯೂ ನಷ್ಟವಾಗಕೂಡದು, ನಿರ್ವಹಣೆ ದುರುಗೇಶನದು.

ಕಂಪ್ಲಿಯವರು, ಮರಿಯಮ್ಮನಹಳ್ಳಿಯವರು ಆ ಚಪ್ಪಾಳೆಯನ್ನು ಬಾಡಿಗೆಗೆ ಒಯ್ಯತೊಡಗಿದರು. ವರ್ಷ ತುಂಬುವುದರೊಳಗೆ ದುರುಗೇಶನ ಕಿವಿ ಪೂರ್ತಿ ಹೋಯಿತು. ಕೆಲಸಕ್ಕೇನೂ ಅಡ್ಡಿಯಾಗಲಿಲ್ಲ, ಅಧ್ಯಕ್ಷರ ಕೈ ಮೇಲೇಳುವುದನ್ನು ನೋಡಿಕೊಂಡು ಗುಂಡಿ ಒತ್ತುತ್ತಿದ್ದ.

ಈ ಸೇವೆಯನ್ನು ಮೆಚ್ಚಿ ಸಂಘ ಅವನನ್ನು ಸನ್ಮಾನಿಸಿತು. ಬೇರೆಯವರಿಗೆ ಗುಂಡಿ ಮುಟ್ಟುವ ಅಧಿಕಾರವಿಲ್ಲದ ಕಾರಣ ಶಾಲು ಹೊದ್ದುಕೊಂಡು ಅವನೇ ಒತ್ತಿದ. ಆಮೇಲೆ ಜಡೆಪ್ಪನವರ ಮುಖ ನೋಡಿ, "ಬಂತೇನ್ರೀ?" ಎಂದು ಕೇಳಿದ.

ಜಡೆಪ್ಪನವರು ಮಸ್ತ್ ಬಂತೆಂದು ಕೈಸನ್ನೆ ಮಾಡಿದರು. ದುರುಗೇಶ ಸಭೆಗೆ ಕೈ ಮುಗಿದ.