ಅರಬ್ಬಿ ಸಮುದ್ರಕ್ಕೊಬ್ಬ ನೀರುಗಂಟಿ

ಅರಬ್ಬಿ ಸಮುದ್ರದ ಮುಂದೆ ನಿಂತು "ಇದ್ರ ಇಂಜಿನಿಯರ್ ಯಾರು?" ಎಂದು ಕೇಳಿದ ಮನುಷ್ಯ ಇಡೀ ಭೂಮಂಡಲದಲ್ಲಿ ಒಬ್ಬರೇ ಒಬ್ಬರಿದ್ದಾರೆ. ಅವರು ನಮ್ಮ ದೊಡ್ಡಪ್ಪ! ನಗಬೇಡಿ. ಆ ಪ್ರಶ್ನೆ ಕೇಳುವ ಹಕ್ಕು ಅವರಿಗಿದೆ. ಮಳವಳ್ಳಿ ತಾಲ್ಲೂಕಿನ ಒಂದು ಕಿರುನಾಲೆಯ ಮೇಲೆ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ನೀರುಗಂಟಿಯಾಗಿ ದುಡಿದವರು. ತೂಬಿನ ಕೀಲಿ ಅವರ ಸೊಂಟದಲ್ಲಿ, ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಎಂಬ ಪಾಳಿ ಅವರ ತಲೆಯಲ್ಲಿ, ಅವರಿಗೆ ಬೀಳುವ ಬೈಗುಳ ನಾಲೆಯ ಎರಡೂ ದಂಡೆಯಲ್ಲಿ!

ಇನ್ನು ನಾನು. ನಾನು ಮಿಮಿಕ್ರಿ ಮಾಡುವವನು. ಮದ್ದೂರಿನಿಂದ ಮಂಡ್ಯದವರೆಗೆ ಆರ್ಕೆಸ್ಟ್ರಾ, ಶಾಲೆಯ ವಾರ್ಷಿಕೋತ್ಸವ, ನಾಮಕರಣ, ಮೈಕು ಸಿಕ್ಕ ಕಡೆಯೆಲ್ಲ ಬಾಯಿ ಬಿಟ್ಟವನು. ಬಸ್ಸಿನ ಕಂಡಕ್ಟರು, ಗಣಿತದ ಮೇಷ್ಟ್ರು, ಕಾಗೆ, ಕೆಟ್ಟುಹೋದ ಮಿಕ್ಸಿ, ಎಲ್ಲವೂ ನನ್ನ ಗಂಟಲಲ್ಲೇ ಸಂಸಾರ ಹೂಡಿವೆ. ನನ್ನ ಸ್ವಂತ ದನಿ ಯಾವುದೆಂಬುದು ಮಾತ್ರ ಹೆಣ್ಣು ನೋಡಲು ಹೋದ ದಿನ ಮರೆತುಹೋಗುತ್ತದೆ. ಇಷ್ಟೆಲ್ಲ ಇದ್ದರೂ ಜನ ಒನ್ಸ್‌ಮೋರ್ ಕೂಗುವುದು ಒಂದಕ್ಕೇ. ಎಡಗಾಲನ್ನು ಕೆಸರಿನಿಂದ ಕಿತ್ತಂತೆ ಎತ್ತಿಟ್ಟು, ಕತ್ತು ಉದ್ದ ಮಾಡಿ "ಕೊನೇಗ್ ತಲುಪ್ತಾ?" ಎಂದರೆ ಸಾಕು, ಮಳವಳ್ಳಿಯವರು ಕುರ್ಚಿಯಿಂದ ಜಾರುತ್ತಾರೆ. ಅದು ದೊಡ್ಡಪ್ಪನ ಮಾತು.

ಮಾತಲ್ಲ, ಕಾಯಿಲೆ. ಮದುವೆ ಮನೆಯಲ್ಲಿ ಪಾಯಸದ ಬಕೆಟ್ಟು ಹೊರಟಿತೋ, ದೊಡ್ಡಪ್ಪ ತಮ್ಮ ಎಲೆ ಬಿಟ್ಟು ಅದರ ಹಿಂದೆ ಹೊರಟರು. ಪಂಕ್ತಿಯ ಕಟ್ಟಕಡೆಯ ಎಲೆಗೆ ಪಾಯಸ ಬಿದ್ದದ್ದನ್ನು ಕಣ್ಣಾರೆ ಕಂಡ ಮೇಲೆಯೇ ವಾಪಸ್ಸು. ಅಷ್ಟು ಹೊತ್ತಿಗೆ ಅವರ ಎಲೆಯನ್ನು ಎತ್ತಿ ಬಿಸಾಕಿರುತ್ತಾರೆ! ನಮ್ಮಕ್ಕನ ಮದುವೆಯಲ್ಲಿ ಇಡೀ ಬಳಗವನ್ನು ಸಾಲಾಗಿ ನಿಲ್ಲಿಸಿ ಫೋಟೋ ತೆಗೆಯುವಾಗ, "ಕೊನೇಲ್ ನಿಂತಿರೋರು ಬಿದ್ರಾ? ಆ ಕಡೆ ಕೊನೆ? ಈ ಕಡೆ ಕೊನೆ?" ಎಂದು ಕೇಳಿ ಕೇಳಿ ಫೋಟೋಗ್ರಾಫರನ ಪ್ರಾಣ ತೆಗೆದರು. ಎಲ್ಲರೂ ಬಿದ್ದರು. ಕ್ಯಾಮೆರಾದ ಪಕ್ಕ ನಿಂತು ಕೇಳುತ್ತಿದ್ದ ದೊಡ್ಡಪ್ಪ ಮಾತ್ರ ಆ ಫೋಟೋದಲ್ಲಿ ಇಲ್ಲ.

ಈ ಕಾಯಿಲೆ ಅಂಟಿಕೊಂಡದ್ದು ನಾಲೆಯಿಂದಲೇ. ಅವರ ನಾಲೆಯ ಕೊನೆಯ ಗದ್ದೆಗಳು ಪೂರಿಗಾಲಿ ಕಡೆ. ಮೇಲಿನವರು ಕಬ್ಬಿಗೂ ಭತ್ತಕ್ಕೂ ಕುಡಿಸಿ ಮಿಕ್ಕಿದ್ದು ಕೆಳಕ್ಕೆ. ಕೊನೆಯ ಗದ್ದೆಗೆ ಹೊತ್ತಿಗೆ ಸರಿಯಾಗಿ ನೀರು ಮುಟ್ಟಿದ್ದು ಅವರ ಸರ್ವೀಸಿನಲ್ಲಿ ಒಂದು ಸಲವೂ ಇಲ್ಲ. ಓಡಾಡಿದರು, ಜಗಳ ಆಡಿದರು, ಕದ್ದು ತೆರೆದ ತೂಬುಗಳನ್ನು ಹುಡುಕಿ ಹುಡುಕಿ ಮುಚ್ಚಿದರು. ಆಫೀಸಿಗೆ ಹೋಗಿ ಕೇಳಿದರೆ ಸಾಹೇಬರುಗಳು, "ಎಲ್ರಿಗೂ ತಲುಪಲ್ಲ ಕಣಯ್ಯ, ನಾಲೆ ಅಂದ್ರೆ ಅಷ್ಟೇ" ಎನ್ನುತ್ತಿದ್ದರಂತೆ. ನಿವೃತ್ತಿಯ ದಿನ ಹಾರಗಳು ಕತ್ತು ಮುಚ್ಚುವಷ್ಟು ಬಿದ್ದವು. ಹಾಕಿದವರೆಲ್ಲ ಮೇಲಿನ ಭಾಗದವರು. ಕೊನೇ ಭಾಗದಿಂದ ಒಬ್ಬರೂ ಬಂದಿರಲಿಲ್ಲ. ದೊಡ್ಡಪ್ಪ ಹಾರಗಳನ್ನು ನಮ್ಮ ಎಮ್ಮೆಗೆ ತಿನ್ನಿಸಿದರು. ಅವತ್ತಿನಿಂದ ಕೊನೆ ಎಲ್ಲಿ ಕಂಡರೂ ಅಲ್ಲಿಗೆ ಓಡುತ್ತಾರೆ.

ಇಂಥವರು ಹಡಗು ಹತ್ತಿದ್ದು ಹೇಗೆ? ನನ್ನ ದೆಸೆಯಿಂದ! ಮಂಡ್ಯದ ಟೂರಿನವರೊಬ್ಬರು ನಮ್ಮ ಜಿಲ್ಲೆಯ ಮೂವತ್ತು ಚಿಲ್ಲರೆ ಜನರನ್ನು ಕಟ್ಟಿಕೊಂಡು ಕರಾವಳಿಯ ಹಡಗಿನ ಪ್ರವಾಸಕ್ಕೆ ಹೊರಟರು. ದಾರಿಯುದ್ದಕ್ಕೂ ನಗಿಸಲು ನಾನು. ಜೊತೆಗೊಬ್ಬರನ್ನು ಪುಕ್ಕಟೆ ಕರೆತರಬಹುದು ಎಂದರು. ನಾನು ಮನಸ್ಸಿನಲ್ಲಿ ಬೇರೆ ಯಾರನ್ನೋ ಇಟ್ಟುಕೊಂಡು ಮನೆಯಲ್ಲಿ ಬಾಯಿಮಾತಿಗೆ, "ದೊಡ್ಡಮ್ಮ, ನೀನ್ ಬಾ" ಎಂದೆ.

"ಮದ್ದೂರಿಗ್ ಓಗೋ ಬಸ್ಸಲ್ಲೇ ವಾಂತಿ ಮಾಡ್ಕತೀನಿ, ಅಡಗಂತೆ ಅಡಗು! ನಿಮ್ ದೊಡ್ಡಪ್ಪನ್ನ ಕರ್ಕಂಡೋಗ್ಲಾ. ನಾಕ್ ದಿನ ನಮ್ಮನೆ ನಲ್ಲೀನಾದ್ರೂ ನಾನೇ ತಿರುಗುಸ್ತೀನಿ" ಎಂದರು ದೊಡ್ಡಮ್ಮ.

ನಮ್ಮ ಗುಂಪಿನಲ್ಲಿ ಕೆರಗೋಡು ಕಡೆಯ ಕಬ್ಬಿನ ಗೌಡರೊಬ್ಬರಿದ್ದರು. ಬೇರೆ ನಾಲೆಯವರು. ಆದರೆ ಗದ್ದೆ ಇರುವುದು ಆ ನಾಲೆಯ ತಲೆಭಾಗದಲ್ಲಿ ಎಂದು ಗೊತ್ತಾದ ಕ್ಷಣ ದೊಡ್ಡಪ್ಪನ ಮುಖ ಗಂಟಾಯಿತು. ಗೌಡರೇನು ಕಡಿಮೆ? "ಏನಯ್ಯಾ ನೀರುಗಂಟಿ, ಸಮುದ್ರುಕ್ಕೂ ಬೀಗ ತಂದಿದ್ಯಾ?" ಎಂದು ಬಸ್ಸಿನಲ್ಲೇ ಕೆಣಕಿದರು.

"ನೀವ್ ಬತ್ತೀರಾ ಅಂತ ಗೊತ್ತಿದ್ರೆ ತತ್ತಿದ್ದೆ ಗೌಡ್ರೆ."

ಹಡಗಿನಲ್ಲಿ ದೊಡ್ಡಪ್ಪ ಹೇಗಿದ್ದರು ಅಂತೀರಾ? ಮೊದಲ ದಿನವೇ, ಅಪಾಯ ಬಂದರೆ ಯಾರು ಯಾವ ದೋಣಿಗೆ ಹೋಗಬೇಕೆಂದು ಎಲ್ಲರಿಗೂ ಕಿತ್ತಳೆ ಬಣ್ಣದ ಅಂಗಿ ತೊಡಿಸಿ ಹೇಳಿಕೊಟ್ಟರು. ಎಲ್ಲರೂ ತಮ್ಮ ತಮ್ಮ ದೋಣಿ ನೋಡಿಕೊಂಡರು. ದೊಡ್ಡಪ್ಪ "ಎಲ್ಲಾಕಿಂತ ಕೊನೇಗ್ ಇಳಿಯೋ ದೋಣಿ ಯಾವ್ದು?" ಎಂದು ಹುಡುಕಿಕೊಂಡು ಹೋಗಿ ಅದರಡಿ ನಿಂತುಬಿಟ್ಟರು. ಅದು ಸಿಬ್ಬಂದಿಯ ದೋಣಿ. ಅಡುಗೆಯವರ ನಡುವೆ ಕಿತ್ತಳೆ ಅಂಗಿ ತೊಟ್ಟು ನಿಂತಿದ್ದ ಅವರನ್ನು ಕಂಡು ಯಾರೋ ಹೊಸ ಬಾಣಸಿಗ ಎಂದುಕೊಂಡು ಈರುಳ್ಳಿಯ ವಿಚಾರ ಮಾತಾಡಿದರಂತೆ! ಬೆಳಗಿನ ತಿಂಡಿಯ ಸಾಲಿನಲ್ಲೂ ಇದೇ ಕಥೆ. "ನೀವ್ ಓಗಿ, ನೀವ್ ಓಗಿ" ಎಂದು ಹಿಂದಿನವರನ್ನೆಲ್ಲ ಮುಂದಕ್ಕೆ ಬಿಟ್ಟು, ಕಡೆಗೆ ತಟ್ಟೆ ಹಿಡಿದು ಹೋದಾಗ ದೋಸೆ ಮುಗಿದಿತ್ತು. "ಎಲ್ರಿಗೂ ಆಯ್ತಲ್ಲ, ಬುಡು" ಎಂದು ಎರಡು ಬಾಳೆಹಣ್ಣು ತಿಂದು ರಾಜನ ಹಾಗೆ ಬಂದರು.

ಮೂರನೆಯ ದಿನ ಬೆಳಿಗ್ಗೆ ಹಡಗು ಒಂದು ಮೀನುಗಾರರ ಊರಿನ ಎದುರು ಲಂಗರು ಹಾಕಿತು. ಚಿಕ್ಕ ದೋಣಿಗಳಲ್ಲಿ ನಮ್ಮನ್ನು ದಡಕ್ಕೆ ಇಳಿಸಿದರು. ಕಡಲ ತೀರದ ಪ್ರಾಣಿಪಕ್ಷಿ ತೋರಿಸಲು ಆ ಊರಿನದೇ ಒಬ್ಬ ಗೈಡ್ ಹುಡುಗಿ. ಕೈಯಲ್ಲಿ ಕೋಲು, ತಲೆಗೆ ಟೋಪಿ, ಬಾಯಿಗೆ ವಿರಾಮವಿಲ್ಲ. ಅವಳ ದನಿಯನ್ನು ಐದು ನಿಮಿಷದಲ್ಲಿ ಹಿಡಿದೆ. ಹತ್ತನೇ ನಿಮಿಷದಲ್ಲಿ ಅವಳೇ ನನ್ನ ದನಿ ಹಿಡಿದು ಎಲ್ಲರನ್ನೂ ನಗಿಸಿದಳು. ನನಗಿಂತ ಚೆನ್ನಾಗಿಯೇ ಇತ್ತು.

ಮರಳಿನಲ್ಲಿ ತೂತು ಕೊರೆದು, ಸಾಸಿವೆಯಷ್ಟು ಉಂಡೆಗಳನ್ನು ಸುತ್ತ ಹರಡಿದ್ದ ಪುಟ್ಟ ಏಡಿಗಳನ್ನು ಅವಳು ತೋರಿಸಿದಳು. ದೊಡ್ಡಪ್ಪ ಬಗ್ಗಿ ನೋಡಿ, "ನಮ್ ಕಡೆ ಏಡಿನೂ ಇಂಗೇ ಕಣವ್ವ. ನನ್ ನಾಲೆ ಏರಿನೆಲ್ಲ ತೂತು ಮಾಡಾಕಿದ್ವು" ಎಂದರು.

ಗೌಡರು ಕೆಮ್ಮಿದರು. "ಎಲ್ಲಾ ತೂತೂ ಏಡಿದೇ ಅಂದ್ಕಂಡಿದ್ದೇನಯ್ಯಾ, ಪಾಪ?"

ಆಗಲೇ ಹುಡುಗಿ ನೀರಿನ ಇಳಿತ ಭರತದ ವಿಷಯ ತೆಗೆದದ್ದು. ಈಗ ನೀರು ಇಳಿಯುತ್ತಿದೆ, ಮಧ್ಯಾಹ್ನ ಮತ್ತೆ ಏರುತ್ತದೆ ಎಂದಳು. ದೊಡ್ಡಪ್ಪ ನೆಟ್ಟಗಾದರು.

"ಯಾರು ಬುಡೋದು?"

"ಯಾರೂ ಬಿಡುದಿಲ್ಲ ಅಂಕಲ್, ಅದೇ ಬರ್ತದೆ."

"ಅದೆಂಗವ್ವಾ ಅದೇ ಬತ್ತದೆ? ಇದ್ರ ಇಂಜಿನಿಯರ್ ಯಾರು?"

"ಚಂದ್ರ ಅಂಕಲ್! ಚಂದ್ರ ಎಳೀತಾನೆ."

"ವರ್ಗಾವಣೆ ಆಗಾಕಿಲ್ವಾ?"

"ಚಂದ್ರನಿಗಾ? ಇಲ್ಲ."

"ಅದುಕ್ಕೇ ಟೈಮಿಗ್ ಸರಿಯಾಗ್ ಬತ್ತದೆ" ಎಂದು ದೊಡ್ಡಪ್ಪ ತಲೆದೂಗಿದರು. ಹಡಗಿನಿಂದ ನಮ್ಮ ಜೊತೆ ಇಳಿದಿದ್ದ ಮುಂಬಯಿಯ ಪ್ರಯಾಣಿಕರಿಗೆ ಇದನ್ನು ಹಿಂದಿಯಲ್ಲಿ ಹೇಳಲು ಹೊರಟು ಆ ಹುಡುಗಿ ನಗು ತಡೆಯಲಾರದೆ ಮರಳಿನ ಮೇಲೆ ಕೂತಳು.

ಪ್ರವಾಸದ ಮುಖ್ಯ ಆಕರ್ಷಣೆ ಕಡೆಯಲ್ಲಿತ್ತು. ಆ ಊರಿನವರು ಕಡಲಾಮೆಯ ಮೊಟ್ಟೆಗಳನ್ನು ಬೇಲಿ ಕಟ್ಟಿ ಕಾದಿದ್ದರು. ಅವತ್ತು ಮರಿಗಳು ಹೊರಬಂದಿದ್ದವು. ಬುಟ್ಟಿ ತಂದು, ಹಗ್ಗ ಎಳೆದು, ನಮ್ಮನ್ನು ಅದರ ಈಚೆ ನಿಲ್ಲಿಸಿ ಹುಡುಗಿ ಗಂಭೀರಳಾದಳು. "ಯಾರೂ ಮುಟ್ಟಬಾರ್ದು, ಎತ್ತಬಾರ್ದು. ಅವೇ ನಡ್ಕೊಂಡು ಸಮುದ್ರಕ್ಕೆ ಹೋಗ್ಬೇಕು. ದೊಡ್ಡವಾಗಿ ಮೊಟ್ಟೆ ಇಡ್ಲಿಕ್ಕೆ ಇದೇ ಕಡೆಗೆ ಬರ್ತಾವೆ ಮಾರಾಯ್ರೆ, ಈ ಮರಳಿನ ಗುರುತು ಈಗಲೇ ಸಿಗ್ಬೇಕು."

"ಎಷ್ಟವೆ?" ಎಂದರು ದೊಡ್ಡಪ್ಪ.

"ಐವತ್ತೆಂಟು."

ಬುಟ್ಟಿ ವಾಲಿಸಿದಳು. ಅಂಗೈಯಲ್ಲಿ ಹಿಡಿಸುವಷ್ಟು ಮರಿಗಳು ಹುಟ್ಟು ಹಾಕಿದಂತೆ ಕೈ ಬೀಸುತ್ತ ಹೊರಟವು. ಎಲ್ಲರ ಮೊಬೈಲು ಎಲ್ಲಕ್ಕಿಂತ ಮುಂದಿದ್ದ ಮರಿಯ ಮೇಲೆ. ಅದು ನೀರು ಮುಟ್ಟಿದಾಗ ಚಪ್ಪಾಳೆಯೋ ಚಪ್ಪಾಳೆ! ದೊಡ್ಡಪ್ಪ ಒಬ್ಬರೇ ಆ ಕಡೆ ನೋಡಲಿಲ್ಲ. ಹಗ್ಗದ ತುದಿಯಲ್ಲಿ ಕೂತು ಎಣಿಸುತ್ತಿದ್ದರು. ಐವತ್ತೈದು, ಐವತ್ತಾರು, ಐವತ್ತೇಳು. ಅಲ್ಲಿಗೆ ನಿಂತಿತು.

ಕೊನೆಯದು ಯಾರದೋ ಹೆಜ್ಜೆಯ ಗುಳಿಗೆ ಬಿದ್ದು, ಹೇಗೋ ಎದ್ದು, ಅಷ್ಟರಲ್ಲೇ ಸುಸ್ತಾಗಿತ್ತು. ಒಂದು ಕೈ ಬೀಸುತ್ತಿತ್ತು, ಇನ್ನೊಂದು ಏಳುತ್ತಿರಲಿಲ್ಲ. ಬಿಸಿಲು ಏರುತ್ತಿತ್ತು, ನೀರು ಹಿಂದಕ್ಕೆ ಸರಿಯುತ್ತಿತ್ತು, ಮೇಲೆ ಒಂದು ಗರುಡ ಸುತ್ತುತ್ತಿತ್ತು. ನಮ್ಮ ದೋಣಿಯವನು ಸೀಟಿ ಊದಿದ. ಜನ ಮೊಬೈಲು ಜೇಬಿಗಿಟ್ಟು ಹೊರಟರು.

ಹುಡುಗಿಯ ದನಿ ತಗ್ಗಿತು. "ಕೆಲವು ಹೀಗೇ ಅಂಕಲ್. ಎಲ್ಲವೂ ತಲುಪುದಿಲ್ಲ."

ಬೇರೆ ಯಾರಾದರೂ ಹೇಳಿದ್ದರೆ ದೊಡ್ಡಪ್ಪ ರೇಗುತ್ತಿದ್ದರು. ಅವಳ ಕಣ್ಣೂ ಒದ್ದೆಯಾಗಿತ್ತು. ತೂಬಿನ ಮುಂದೆ ನಿಂತು ವ್ಯಾಜ್ಯ ತೀರಿಸುವ ದನಿಯಲ್ಲಿ ಕೇಳಿದರು. "ಅದ್ನ ನೀರ್‌ತಾವ್ಕೆ ಕರ್ಕಂಡೋಗಂಗಿಲ್ಲ?"

"ಇಲ್ಲ ಅಂಕಲ್."

"ನೀರ್ನೇ ಅದ್ರ ತಾವ್ಕೆ ಕರ್ಕಂಡ್ ಬರ್ಬೋದಾ?"

ಹುಡುಗಿ ಟೋಪಿ ತೆಗೆದು ಕೈಗೆ ತೆಗೆದುಕೊಂಡಳು. "ಅದು... ಹಾಗೆ ಇದುವರೆಗೆ ಯಾರೂ ಕೇಳಿಲ್ಲ." ಮರಿಯನ್ನು ನೋಡಿದಳು, ನೀರನ್ನು ನೋಡಿದಳು. "ಅದರಿಂದ ಒಂದು ಮೊಳ ದೂರ ಇರ್ಬೇಕು. ಬೇಗ."

ದೊಡ್ಡಪ್ಪ ಪಂಚೆ ಎತ್ತಿ ಕಟ್ಟಿ, ಚಪ್ಪಲಿ ಬಿಟ್ಟು, ಮರಿಯ ಮುಂದಿನಿಂದ ಅಲೆಯ ಕಡೆಗೆ ಎರಡೂ ಕೈಯಲ್ಲಿ ಮರಳು ಬಗೆಯತೊಡಗಿದರು. ಅಗೆದ ಮರಳನ್ನು ಎರಡೂ ಪಕ್ಕ ಏರಿ ಕಟ್ಟಿದರು. ನಾನು ಗರುಡನನ್ನು ಓಡಿಸಲು ನಾಯಿಯ ಹಾಗೆ ಬೊಗಳಿದೆ. ಗರುಡ ಲೆಕ್ಕಕ್ಕೇ ಇಟ್ಟುಕೊಳ್ಳಲಿಲ್ಲ, ಊರಿನ ಒಂದು ನಿಜವಾದ ನಾಯಿ ಮಾತ್ರ ಜಗಳಕ್ಕೆ ಬಂತು! ಒಂದು ಕೈಲಿ ಮೊಬೈಲಿನಲ್ಲಿ ವಿಡಿಯೋ ತೆಗೆಯುತ್ತಲೇ ಅದನ್ನು ಸಮಾಧಾನ ಮಾಡುವುದು ನನ್ನ ಪಾಲಿಗೆ ಬಿತ್ತು.

ದೋಣಿಯಿಂದ ಗೌಡರು ಕೂಗಿದರು. "ಬಾರಯ್ಯೋ ನೀರುಗಂಟಿ, ಅಡಗು ಒಂಟೋಯ್ತದೆ!"

"ಓಗ್ಲಿ ಬುಡಿ!"

ಎರಡನೆಯ ಸೀಟಿ ಆಯಿತು. ಗೌಡರು ಗೊಣಗುತ್ತ ಇಳಿದು ಬಂದರು. ಎಳೆದುಕೊಂಡು ಹೋಗಲೆಂದೇ ಬಂದವರು ಕಾಲುವೆಯನ್ನು ನೋಡಿ ಸೊಂಟದ ಮೇಲೆ ಕೈಯಿಟ್ಟರು. "ಥೂ, ಇಂಗ್ ತೋಡುದ್ರೆ ನೀರ್ ಅತ್ತದೇನಯ್ಯಾ? ಬಾಯಿ ಅಗಲ ಮಾಡು, ಇತ್ತಾಗ್ ಬತ್ತಾ ಬತ್ತಾ ಸಣ್ಣ ಮಾಡು. ನೀರ್ ಎಳಿಯೋದು ನಿನ್ಗಿಂತ ನನ್ಗ್ ಚೆನ್ನಾಗ್ ಗೊತ್ತು, ಸರಿ ಅತ್ಲಾಗೆ!"

ತಲೆಭಾಗದ ಗೌಡರು ಮಂಡಿಯೂರಿ ಕೂತು, ಇಸ್ತ್ರಿ ಮಾಡಿದ ಪ್ಯಾಂಟಿನಲ್ಲಿ, ಕೊನೆಯವನಿಗೆ ನೀರು ಬಿಡಲು ಮಣ್ಣು ಬಗೆಯುವುದನ್ನು ಮಂಡ್ಯ ಜಿಲ್ಲೆಯಲ್ಲಿ ನಾನು ಹೇಳಿದರೆ ನಂಬುತ್ತಾರೆಯೆ? ದೊಡ್ಡಪ್ಪನೇ ನಂಬಲಿಲ್ಲ. ಒಂದು ಕ್ಷಣ ಕೈ ನಿಲ್ಲಿಸಿ ಅವರನ್ನೇ ನೋಡಿದರು.

"ಏನ್ ನೋಡ್ತೀಯೆ? ಏರಿ ಗಟ್ಟಿ ಮಾಡು!"

ಮೊದಲ ಅಲೆ ಬಾಯಿಯವರೆಗೆ ಬಂದು ಹೋಯಿತು. ಎರಡನೆಯದು ಅರ್ಧದಲ್ಲಿ ಮರಳಿಗೆ ಇಂಗಿತು. ದೊಡ್ಡಪ್ಪ ನೀರಿನಿಂದ ಕಣ್ಣು ಕೀಳದೆ, "ಸಣ್ಣವ್ನ ಬುಡಿ, ದೊಡ್ಡದೊಂದು ಬತ್ತದೆ. ಬತ್ತದೆ" ಎನ್ನುತ್ತಿದ್ದರು. ಹುಡುಗಿ ಗರುಡನ ಕಡೆ ಟೋಪಿ ಬೀಸುತ್ತಿದ್ದಳು. ಬಂತು. ಅಗಲವಾದ ಬಾಯಿಯಲ್ಲಿ ನುಗ್ಗಿ, ಕಿರಿದಾದ ಕೊರಳಿನಲ್ಲಿ ಏರಿ, ಏರಿಗಳ ನಡುವೆ ನೊರೆ ತಳ್ಳುತ್ತ ಮೇಲೆ ಮೇಲೆ ಬಂದು, ಕಾಲುವೆಯ ತುದಿ ದಾಟಿ ಒಂದು ಮೊಳ ಹರಿದು ಮರಿಯ ಮೂತಿ ಮುಟ್ಟಿತು. ಮರಿ ತಲೆ ಎತ್ತಿತು. ಏಳದಿದ್ದ ಕೈಯೂ ಎದ್ದಿತು. ನೀರು ಹಿಂದಕ್ಕೆ ಹೊರಟಾಗ ಅದರ ಬೆನ್ನಿಗೆ ಬಿದ್ದು, ತನ್ನದೇ ನಾಲೆಯಲ್ಲಿ ಜಾರಿ, ಮುಂದಿನ ಅಲೆಯೊಳಗೆ ಕರಗಿತು.

"ಐವತ್ತೆಂಟು" ಎಂದರು ದೊಡ್ಡಪ್ಪ.

ಗೌಡರು ಮಂಡಿಯ ಮರಳು ಕೊಡವಿಕೊಂಡು ದೋಣಿಯ ಕಡೆ ನಡೆದರು. ಹುಡುಗಿಯೂ ಬುಟ್ಟಿ ಎತ್ತಿಕೊಂಡಳು. ದೊಡ್ಡಪ್ಪ ಮೊಣಕಾಲುದ್ದ ನೀರಿನಲ್ಲಿ ಹಾಗೇ ನಿಂತಿದ್ದರು. ನಾನು ಹತ್ತಿರ ಹೋದೆ.

"ಪೋನಲ್ಲಿ ಇಡ್ಕಂಡ್ಯೇನ್ಲಾ?"

"ಎಲ್ಲಾ ಇಡ್ಕಂಡಿವ್ನಿ ದೊಡ್ಡಪ್ಪ."

"ಪೂರಿಗಾಲಿ ಕಡೆಯೋರು ಯಾರ್ದಾದ್ರೂ ನಂಬರ್ ಅದಾ ನಿನ್‌ತಾವು?"

"ಅದೆ. ಈಗ್ಲೇ ಕಳುಸ್ಲಾ?"

ಅವರು ಯೋಚಿಸಿದರು. ಒಂದು ಅಲೆ ಬಂದು ಕಾಲುವೆಯ ಏರಿಯನ್ನು ಅರ್ಧ ಕರಗಿಸಿಕೊಂಡು ಹೋಯಿತು.

"ಬ್ಯಾಡ ಬುಡು. ಆಮೆಗ್ ಬುಟ್ಟ, ನಮ್ಗ್ ಬುಡ್ನಿಲ್ಲ ಅಂತಾರೆ."

ನಗಬೇಕೆಂದುಕೊಂಡೆ. ದೊಡ್ಡಪ್ಪ ಆಗಲೇ ಬಗ್ಗಿ, ಕರಗಿದ ಏರಿಗೆ ಮರಳು ಒತ್ತುತ್ತಿದ್ದರು. ಮೂರನೆಯ ಸೀಟಿ ಊದಿದರು. ಅವರು ಎಂದಿನಂತೆ ಪಕ್ಕಕ್ಕೆ ಸರಿದು ನನಗೆ ದಾರಿ ಬಿಟ್ಟು, "ನೀನ್ ನಡಿ, ನಾನ್ ಇಂದುಗಡೆ ಬತ್ತೀನಿ" ಎಂದರು. ನಾನು ನಡೆಯಲಿಲ್ಲ. ಅವರ ಚಪ್ಪಲಿಗಳನ್ನು ಎತ್ತಿಕೊಂಡು, ಬೆನ್ನಿನ ಮೇಲೆ ಕೈಯಿಟ್ಟು ಮುಂದಕ್ಕೆ ಹೊರಡಿಸಿ, ದೋಣಿಯವರೆಗೂ ಅವರ ಹಿಂದೆ, ಎಲ್ಲರಿಗಿಂತ ಕೊನೆಗೆ, ನಾನೇ ಬಂದೆ.