ಆರು ಗೀರು, ಒಂದು ಲೇಬಲ್

"ಸಂಜೆ ನಾಲ್ಕರೊಳಗೆ ಈ ಡಿಸ್ಕ್ ಹೊಸದರ ಹಾಗೆ ಓಡದೇ ಹೋದ್ರೆ ನನ್ನ ಹೆಸರು ಬದಲಾಯಿಸು!" ಎಂದು ಲೇಬಲ್ ಸಾಹೇಬರು ಭಾನುವಾರ ಬೆಳಿಗ್ಗೆ ಹತ್ತು ಗಂಟೆ ಐದು ನಿಮಿಷಕ್ಕೆ ಘೋಷಿಸಿದರು.

ಅವರ ಹೆಸರು ಎಂದೋ ಬದಲಾಗಿಹೋಗಿತ್ತು. ಅಪ್ಪ ಅಮ್ಮ ಇಟ್ಟ ಹೆಸರು ಸಂಬಳದ ಚೀಟಿಯಲ್ಲಿ ಮಾತ್ರ ಉಳಿದಿತ್ತು. ನೀರು ಪರೀಕ್ಷಿಸುವ ಪ್ರಯೋಗಾಲಯದಲ್ಲಿ ಹತ್ತೊಂಬತ್ತು ವರ್ಷ ದುಡಿದ ಅವರಿಗೆ ಲೇಬಲ್ ಇಲ್ಲದ ವಸ್ತು ಎಂದರೆ ಬಟ್ಟೆ ಇಲ್ಲದ ಮನುಷ್ಯನಿದ್ದಂತೆ. ಕಂಡ ತಕ್ಷಣ ಮುಚ್ಚಬೇಕು! ಮನೆಯಲ್ಲಿ ಉಪ್ಪಿನ ಡಬ್ಬದ ಮೇಲೆ 'ಉಪ್ಪು' ಎಂದಿತ್ತು, ತೆರೆದ ತಾರೀಕಿನ ಸಮೇತ. ಲೇಬಲ್‌ಗಳನ್ನು ಇಡುವ ಡಬ್ಬದ ಮೇಲೆ 'ಲೇಬಲ್' ಎಂಬ ಲೇಬಲ್ ಇತ್ತು.

ಅಂದು ಹಾಸಿಗೆ ಹಿಡಿದದ್ದು ಹೆಂಡತಿಯ ತವರಿನಿಂದ ಬಂದ ಒಂದು ಹಳೆಯ ವಿಡಿಯೊ ಗೇಮ್ ಡಿಸ್ಕ್. ಕಾರ್ ರೇಸಿನ ಆಟ. ಇಬ್ಬರು ಕೂತು ಆಡುವಂಥದ್ದು. ಆಕೆಯೂ ಆಕೆಯ ತಮ್ಮನೂ ಶಾಲೆಗೆ ಹೋಗುವ ಕಾಲದಿಂದ ಅದರ ಮುಂದೆ ಕೂತು ಜಗಳವಾಡಿ ಬೆಳೆದವರು. ದೊಡ್ಡವರಾದ ಮೇಲೂ ವರ್ಷಕ್ಕೊಮ್ಮೆ ಒಂದು ಮಹಾಪಂದ್ಯ ನಡೆಯುತ್ತಿತ್ತು. ಲೆಕ್ಕ ಹನ್ನೊಂದಕ್ಕೆ ಹನ್ನೊಂದು ಸಮ ಆಗಿತ್ತು. ಎರಡು ವರ್ಷದ ಹಿಂದೆ ಇಪ್ಪತ್ತಮೂರನೆಯ ಪಂದ್ಯದ ಕೊನೆಯ ಸುತ್ತಿನಲ್ಲಿ ತಮ್ಮ ನೀರು ಕುಡಿಯಲು ಎದ್ದ, ಕಾಲಿಗೆ ವೈರು ಸಿಕ್ಕಿತು, ಟಿವಿ ಕಪ್ಪಾಯಿತು. "ಸೋಲ್ತೀನಿ ಅಂತ ಬೇಕಂತಲೇ ಕಿತ್ತೆ!" ಎಂದಳು ಅಕ್ಕ. "ವೈರನ್ನ ಕಾಲಿಗೆ ಅಡ್ಡ ಇಟ್ಟಿದ್ದೇ ನೀನು!" ಎಂದ ತಮ್ಮ. ಅಂದು ಊಟ ಮಾಡದೆ ಹೋದವನು ಮತ್ತೆ ಬರಲಿಲ್ಲ. ಮೊದಲ ವಾರ ಸಿಟ್ಟಿತ್ತು. ಆಮೇಲೆ ಸಿಟ್ಟು ಹೋಯಿತು. ಮಾತು ಹೇಗೆ ಶುರುಮಾಡಬೇಕೆಂಬುದು ಇಬ್ಬರಿಗೂ ತಿಳಿಯದೆ ಉಳಿಯಿತು.

ಹೋದ ವಾರ ಅವನೇ ಫೋನ್ ಮಾಡಿದ್ದ. "ಆ ಆಟ ಇನ್ನೂ ಇದೆಯಾ?" ಅಂದ. "ಇದೆ" ಅಂದಳು. "ಭಾನುವಾರ ನಾಲ್ಕಕ್ಕೆ ಬರ್ತೀನಿ" ಅಂದ. ಅಷ್ಟೇ! ಆಕೆ ಫೋನ್ ಇಟ್ಟವಳೇ ಅಟ್ಟದಿಂದ ಡಿಸ್ಕ್ ಓಡಿಸುವ ಆಟದ ಪೆಟ್ಟಿಗೆ ಇಳಿಸಿ, ಟಿವಿಗೆ ಜೋಡಿಸಿ, ವಾರವಿಡೀ ಹೆಬ್ಬೆರಳು ಕೆಂಪಾಗುವಷ್ಟು ಅಭ್ಯಾಸ ಮಾಡಿದ್ದಳು. ಈ ಬೆಳಿಗ್ಗೆ ನೋಡಿದರೆ ಟಿವಿಯ ಮೇಲೆ ಕಾರಿನ ಚಿತ್ರ ಬಂದು ಅಲ್ಲೇ ಕೂತಿತು. ಹಿಂದೆ ಇಲ್ಲ, ಮುಂದೆ ಇಲ್ಲ.

"ಚಿಕ್ಕವರಿದ್ದಾಗಲೂ ಒಮ್ಮೊಮ್ಮೆ ಹೀಗೆ ಆಗೋದು ರೀ. ತಮ್ಮ ಏನೋ ಮಾಡಿ ಸರಿ ಮಾಡ್ತಿದ್ದ. ಅವನನ್ನೇ ಕೇಳಲಾ?"

"ಕೇಳೋದಾ! ಮನೆಯಲ್ಲೇ ಬಿ.ಎಸ್ಸಿ. ಪದವೀಧರ ಇರುವಾಗ?"

"ನನಗೂ, ನಾನಾಗಿ ಮಾಡೋ ಮೊದಲನೇ ಫೋನೇ ಸಹಾಯ ಕೇಳೋದಕ್ಕೆ ಅಂದ್ರೆ ಒಂಥರಾ..." ಎಂದು ಆಕೆ ಫೋನನ್ನು ಮೇಜಿನ ಮೇಲೆ ಇಟ್ಟಳು. ಎತ್ತಿದಳು. ಮತ್ತೆ ಇಟ್ಟಳು.

ಸಾಹೇಬರು ಡಿಸ್ಕನ್ನು ಕಿಟಕಿಯ ಬೆಳಕಿಗೆ ಹಿಡಿದು ತಳಭಾಗವನ್ನು ಭೂತಗನ್ನಡಿಯಲ್ಲಿ ತಪಾಸಣೆ ಮಾಡಿದರು. ಆರು ಗೀರುಗಳು ಸಿಕ್ಕವು. ಅವಕ್ಕೆ ಗೀ-೧ರಿಂದ ಗೀ-೬ರವರೆಗೆ ನಾಮಕರಣವಾಯಿತು. ಗೀ-೪ ಮಾತ್ರ ಉಗುರಿಗೆ ತಗಲುವಷ್ಟು ಆಳವಾಗಿತ್ತು. "ಇವನೇ ಕಳ್ಳ!" ಎಂದರು. ನೋಟ್‌ಬುಕ್ಕಿನಲ್ಲಿ ನಕ್ಷೆ ಬರೆದರು. ನಂತರ ಯಾವ ಪ್ರಯೋಗವೂ ಲೇಬಲ್ ಇಲ್ಲದೆ ಆರಂಭವಾಗಕೂಡದೆಂಬ ಶಾಸ್ತ್ರದಂತೆ ಡಬ್ಬದಿಂದ ಒಂದು ಲೇಬಲ್ ತೆಗೆದರು. ಮಾದರಿ ಸಂಖ್ಯೆ: ಒಂದು. ತಾರೀಕು, ವೇಳೆ, ಪರೀಕ್ಷಕರ ಸಹಿ. ಷರಾ: ಗೀರು ಆರು. ಡಿಸ್ಕಿನ ಮೇಲ್ಭಾಗದಲ್ಲಿ, ಕೆಂಪು ಕಾರಿನ ಚಿತ್ರ ಮುಚ್ಚಿಹೋಗದಂತೆ ಅಂಚಿನ ಹತ್ತಿರ ಅಂಟಿಸಿ, ಹೆಬ್ಬೆರಳಿನಿಂದ ಮೂರು ಸಲ ಒತ್ತಿದರು.

ಆ ಲೇಬಲ್‌ಗಳ ಬಗ್ಗೆ ಒಂದು ಮಾತು ಹೇಳಬೇಕು. ಅವು ನೀರಿನ ಬಾಟಲಿಗಳಿಗೆಂದೇ ಮಾಡಿದಂಥವು. ವಾರಗಟ್ಟಲೆ ಮಂಜುಗಡ್ಡೆಯಲ್ಲಿ ಮುಳುಗಿದ್ದರೂ ಬಿಡವು. ಹಿಡಿದರೆ ಉಡದ ಪಟ್ಟು!

"ಗೀರು ಅಳಿಸೋಕೆ ಟೂತ್‌ಪೇಸ್ಟ್ ಕೊಡು. ಬಿಳೀದು. ಜೆಲ್ ಬೇಡ, ಅದರಲ್ಲಿ ಉಜ್ಜೋ ಪುಡಿ ಸಾಲದು."

"ರೀ, ಹದಿನಾಲ್ಕು ವರ್ಷದಿಂದ ಹಲ್ಲಿನ ಆಸ್ಪತ್ರೇಲಿ ನರ್ಸ್ ಆಗಿದೀನಿ. ನನಗೇ ಪೇಸ್ಟಿನ ಪಾಠನಾ?"

ಪಾಠ ನಿಲ್ಲಲಿಲ್ಲ. ಮೊದಲು ಸೋಪಿನ ನೀರಿನಲ್ಲಿ ತೊಳೆಯಬೇಕು. ಧೂಳಿದ್ದರೆ ಉಜ್ಜುವಾಗ ಅದೇ ಹೊಸ ಗೀರು ಎಳೆಯುತ್ತದೆ. ಕನ್ನಡಕ ಒರೆಸುವ ಮೆತ್ತನೆಯ ಬಟ್ಟೆಯೇ ಆಗಬೇಕು. ಗುಂಡಗೆ ಉಜ್ಜಕೂಡದು, ನಡುವಿನಿಂದ ಅಂಚಿಗೆ ನೇರವಾಗಿ, ಸೈಕಲ್ ಚಕ್ರದ ಕಡ್ಡಿಗಳಂತೆ. ಒಂದೊಂದು ಗೀರಿಗೆ ಐವತ್ತು ಸಲ. ಇದೆಲ್ಲ ಸರಿಯಾದ ವಿಧಾನವೇ, ಅದರಲ್ಲಿ ಸಾಹೇಬರದ್ದು ಒಂದಿಷ್ಟೂ ತಪ್ಪಿಲ್ಲ. ಅವರು ಬಾಯಲ್ಲಿ ಎಣಿಸುತ್ತ ಉಜ್ಜಿದರು. ಹೆಂಡತಿ ಕಿಟಕಿ ತೆರೆದಳು, ಮುಚ್ಚಿದಳು. ಸೋಫಾದ ಹೊದಿಕೆಯನ್ನು ನಾಲ್ಕನೆಯ ಸಲ ಸರಿಮಾಡಿದಳು. ಬಚ್ಚಲುಮನೆಯ ಬಾಗಿಲಿಗೆ ಬಂದು ಇಣುಕಿದಳು.

"ಎಷ್ಟಾಯ್ತು?"

"ಗೀ-೩, ಮೂವತ್ತೆಂಟು... ನೋಡು, ಎಣಿಕೆ ತಪ್ಪಿಸಿದೆ! ಮತ್ತೆ ಒಂದರಿಂದ."

"ನಮ್ಮ ಡಾಕ್ಟರು ಮೂವತ್ತೆರಡು ಹಲ್ಲನ್ನ ಇಪ್ಪತ್ತು ನಿಮಿಷದಲ್ಲಿ ಕ್ಲೀನ್ ಮಾಡ್ತಾರೆ. ನೀವು ಒಂದು ಡಿಸ್ಕಿಗೆ ಎರಡು ಗಂಟೆ!"

"ಹಲ್ಲು ಹೋದ್ರೆ ಕಟ್ಟಿಸ್ಕೋಬಹುದು. ಇದು ಹೋದ್ರೆ?"

"ಅದೇ ರೀ ನನ್ನ ಭಯ! ಅವನಿಗೆ ಫೋನ್ ಮಾಡ್ಲಾ?"

"ಬೇಡ ಅಂದೆನಲ್ಲ!"

ಒಂದೂವರೆಗೆ ಗೀರುಗಳೆಲ್ಲ ಮಾಯ! ಗೀ-೪ ಕೂಡ ಇತ್ತೋ ಇಲ್ಲವೋ ಎಂಬಂತಾಗಿತ್ತು. ಮನೆಯ ಪೇಸ್ಟ್ ಖಾಲಿಯಾಗಿ, ಟ್ಯೂಬಿನ ಮೇಲಿದ್ದ 'ಟೂತ್‌ಪೇಸ್ಟ್, ತೆರೆದದ್ದು ಒಂದನೇ ತಾರೀಕು' ಎಂಬ ಲೇಬಲ್ ಮಾತ್ರ ಗಟ್ಟಿಯಾಗಿತ್ತು. ಡಿಸ್ಕಿನಲ್ಲಿ ಸಾಹೇಬರ ಮುಖ ಕನ್ನಡಿಗಿಂತ ಸ್ಪಷ್ಟವಾಗಿ ಕಂಡಿತು. ಅದೂ ಜಗತ್ತನ್ನು ಗೆದ್ದವನ ಮುಖ!

ಡಿಸ್ಕನ್ನು ಪೆಟ್ಟಿಗೆಗೆ ಹಾಕಿದರು. ಗುಂಡಿ ಒತ್ತಿದರು. ಕಾರಿನ ಚಿತ್ರ ಬಂತು. ಅಲ್ಲೇ ಕೂತಿತು. ಜೊತೆಗೆ ಈಗ ಪೆಟ್ಟಿಗೆಯೊಳಗಿನಿಂದ 'ಗರ್ರ್... ಗರ್ರ್...' ಎಂದು ಹೊಸ ಗೊರಕೆ.

"ಬೆಳಿಗ್ಗೆ ಈ ಸದ್ದು ಇರಲಿಲ್ಲ" ಎಂದಳು ಹೆಂಡತಿ, ತೀರಾ ಮೆಲ್ಲಗೆ.

ಬೆಳಿಗ್ಗೆಯಿಂದೀಚೆಗೆ ಬದಲಾದದ್ದೇನು? ಸಾಹೇಬರು ಕಣ್ಣು ಮುಚ್ಚಿ ಯೋಚಿಸಿದರು. ಗೀರು ಹೋಯಿತು. ಲೇಬಲ್ ಬಂತು! ಅಂಚಿನಲ್ಲಿ ಒಂದೇ ಕಡೆ ಭಾರ. ಅಷ್ಟು ವೇಗವಾಗಿ ತಿರುಗುವ ತಟ್ಟೆ ಒಂದು ಕಡೆ ವಾಲಿದರೆ ನಡುಗದೆ ಇರುತ್ತದೆಯೇ? "ಸಿಕ್ಕಿತು! ಲೇಬಲ್ ತೆಗೆದರೆ ಆಯ್ತು, ಕೆಲಸ ಮುಗಿದಂತೆ!"

"ಮೆಲ್ಲಗೆ ರೀ."

"ಹತ್ತೊಂಬತ್ತು ವರ್ಷದ ಅನುಭವ ಕಣೇ."

ಅದು ಅಂಟಿಸಿದ ಅನುಭವವೇ ಹೊರತು ಕಿತ್ತದ್ದಲ್ಲ. ಇದು ಅವರಿಗೆ ಹೊಳೆಯಲಿಲ್ಲ. ಒಂದು ಮೂಲೆಯನ್ನು ಉಗುರಿನಿಂದ ಎಬ್ಬಿಸಿ, ಉಸಿರು ಬಿಗಿಹಿಡಿದು, ಒಂದೇ ಸಮನೆ ಎಳೆದರು. ಸರ್ರ್! ಲೇಬಲ್ ಇಡಿಯಾಗಿ ಬಂತು. ಹಿಂಬದಿ ತಿರುಗಿಸಿ ನೋಡಿದರೆ ಪಳಪಳ ಹೊಳೆಯುತ್ತಿತ್ತು. ಲೇಬಲ್ ಯಾಕೆ ಹೊಳೆಯಬೇಕು? ಸಾಹೇಬರು ಡಿಸ್ಕನ್ನು ಮೆಲ್ಲಗೆ ಕಣ್ಣಿನ ಎತ್ತರಕ್ಕೆ ಎತ್ತಿದರು. ಅಂಚಿನಲ್ಲಿ ಎರಡು ಬೆರಳಗಲದ ಕಿಟಕಿ ತೆರೆದುಕೊಂಡಿತ್ತು. ಅದರಾಚೆ ಹೆಂಡತಿಯ ಕಣ್ಣು ಕಾಣುತ್ತಿತ್ತು. ಆ ಕಣ್ಣು ರೆಪ್ಪೆ ಬಡಿಯಲಿಲ್ಲ.

ಓದಿದ ವಿದ್ಯೆ ಆಗ ನೆನಪಿಗೆ ಬಂತು. ಡಿಸ್ಕಿನ ತಳದಲ್ಲಿರುವುದು ಮಿಲಿಮೀಟರಿಗಿಂತ ದಪ್ಪದ ಪ್ಲಾಸ್ಟಿಕ್. ಗೀರು ಬೀಳುವುದೆಲ್ಲ ಅದಕ್ಕೆ, ಅದು ಎಷ್ಟೋ ತಡೆದುಕೊಳ್ಳುತ್ತದೆ. ಪ್ರಾಣವಿರುವುದು ಮೇಲಿನ ಬೆಳ್ಳಿ ಬಣ್ಣದ ಲೇಪದಲ್ಲಿ, ಕೂದಲೆಳೆಗಿಂತಲೂ ತೆಳು. ಅದಕ್ಕೆ ಕಾವಲು ಚಿತ್ರದ ಬಣ್ಣವೊಂದೇ. ಮೂರೂವರೆ ಗಂಟೆ ಡಿಸ್ಕಿನ ಅಂಗಾಲು ತಿಕ್ಕಿದ ಮಹಾನುಭಾವರು ಒಂದೇ ಕ್ಷಣದಲ್ಲಿ ಅದರ ತಲೆಯ ಚರ್ಮ ಸುಲಿದಿದ್ದರು!

"ಅಡುಗೆಮನೆಯಲ್ಲಿ ಅಲ್ಯೂಮಿನಿಯಂ ಕಾಗದ ಇದೆ. ಅದನ್ನ ಅದೇ ಅಳತೆಗೆ ಕತ್ತರಿಸಿ..."

"ಕೈ ಮುಂದೆ ಬಂದ್ರೆ ನೋಡಿ!"

ಆಕೆ ಕೂಗಾಡಿದ್ದರೆ ಚೆನ್ನಾಗಿರುತ್ತಿತ್ತು. ಕೂಗಲಿಲ್ಲ, ಸೋಫಾದ ತುದಿಯಲ್ಲಿ ಕೂತು ಜಾಯ್‌ಸ್ಟಿಕ್ಕಿನ ವೈರನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. "ಎರಡು ವರ್ಷ ಆದ್ಮೇಲೆ ಬರ್ತಿದಾನೆ ರೀ. ಆಡ್ತಾ ಆಡ್ತಾ ಮಾತು ಬರುತ್ತೆ ಅಂದ್ಕೊಂಡಿದ್ದೆ. ಈಗ ಏನು ಮಾಡೋದು? ಮುಖ ಮುಖ ನೋಡ್ಕೊಂಡು ಕೂರೋದಾ?"

ಸಾಹೇಬರು ನೋಟ್‌ಬುಕ್ ತೆರೆದರು. ಷರಾ ಬರೆಯಲು ಏನೂ ಹೊಳೆಯಲಿಲ್ಲ. ಎದ್ದರು, ಕೂತರು, ನೀರು ಕುಡಿದರು, ಗಡಿಯಾರ ನೋಡಿದರು. ಮೂರು ಗಂಟೆ. ಮೂರೂಕಾಲು. ಇಬ್ಬರೂ ಬಾಗಿಲ ಕಡೆ ನೋಡುತ್ತಲೇ ಇದ್ದರು. ಮೂರು ನಲವತ್ತಕ್ಕೇ ಕರೆಗಂಟೆ ಸದ್ದಾಯಿತು. ಅತ್ತ ಅವನಿಗೂ ನಾಲ್ಕರ ತನಕ ಕೂರಲು ಆಗಿರಲಿಲ್ಲವೆಂದು ಕಾಣುತ್ತದೆ.

ಬಾಗಿಲಲ್ಲಿ ಅಕ್ಕ ತಮ್ಮ ಒಬ್ಬರನ್ನೊಬ್ಬರು ನೋಡಿದರು.

"ಬಂದೆಯಾ?"

"ಬಂದೆ."

ಮುಗಿಯಿತು! ತಮ್ಮ ಚಪ್ಪಲಿ ಬಿಡಲು ಅಗತ್ಯಕ್ಕಿಂತ ಹೆಚ್ಚು ಹೊತ್ತು ತೆಗೆದುಕೊಂಡ. ಅದನ್ನು ನೋಡಲಾರದೆ ಸಾಹೇಬರು ಡಿಸ್ಕನ್ನು ಎರಡು ಕೈಯಲ್ಲಿ ಹಿಡಿದು ಆರೋಪಿಯಂತೆ ಮುಂದೆ ಬಂದರು. "ತಪ್ಪು ಅಕ್ಕನದಲ್ಲಪ್ಪ. ಆಟ ನಿಂತುಹೋಗಿತ್ತು. ನಾನು ರಿಪೇರಿ ಮಾಡಿದೆ."

ತಮ್ಮ ಡಿಸ್ಕಿನ ಕಿಟಕಿಯಿಂದ ಭಾವನ ಮುಖ ನೋಡಿದ. ಆಮೇಲೆ ಅಕ್ಕನ ಮುಖ ನೋಡಿದ. "ನಿಂತುಹೋಗಿತ್ತಾ? ಅಕ್ಕಾ, ಪೆಟ್ಟಿಗೇನ ತಲೆಕೆಳಗೆ ಮಾಡಿದ್ದೆ ತಾನೇ?"

"ಏನು ಮಾಡ್ಬೇಕಿತ್ತು?"

"ತಲೆಕೆಳಗೆ ಕಣೇ! ಒಳಗೆ ಓದೋ ಕಣ್ಣು ಸವೆದು ಜಗ್ಗಿಬಿಟ್ಟಿದೆ. ಮಗುಚಿ ಇಟ್ರೆ ಜಾಗಕ್ಕೆ ಬರುತ್ತೆ. ನಾನು ಯಾವಾಗಲೂ ಅದನ್ನೇ ಮಾಡ್ತಿದ್ದೆ. ನೀನು ಜಾಯ್‌ಸ್ಟಿಕ್ ಹಿಡ್ಕೊಂಡು ಮಹಾರಾಣಿ ಥರ ಕೂತಿರ್ತಿದ್ದೆ, ನಿನಗೆಲ್ಲಿ ಗೊತ್ತಾಗ್ಬೇಕು!"

"ಹಾಗಾದ್ರೆ ಗೀರುಗಳು?" ಎಂದರು ಸಾಹೇಬರು ಕ್ಷೀಣವಾಗಿ.

"ಭಾವ, ಅವು ನಾನು ಎಂಟನೇ ಕ್ಲಾಸಲ್ಲಿದ್ದಾಗಿಂದ ಇವೆ."

ಅಕ್ಕ ಮೊದಲು ನಕ್ಕಳೋ ತಮ್ಮ ಮೊದಲು ನಕ್ಕನೋ, ಅಳೆಯಲು ಸಾಹೇಬರ ಬಳಿ ಉಪಕರಣವಿರಲಿಲ್ಲ. "ಬಿ.ಎಸ್ಸಿ. ಕಣೋ! ಮೂರೂವರೆ ಗಂಟೆ! ಒಂದು ಟ್ಯೂಬ್ ಪೇಸ್ಟ್!" "ಗೀರಿಗೆ ಹೆಸರು ಬೇರೆ ಇಟ್ಟಿದ್ದಾರೆ ನೋಡೇ!" ಎಂದು ಇಬ್ಬರೂ ನೋಟ್‌ಬುಕ್ ಎಳೆದಾಡಿ ಓದಿದರು. ಎರಡು ವರ್ಷದ ಮಾತು ಎರಡು ನಿಮಿಷದಲ್ಲಿ ಸುರಿದುಹೋಯಿತು, ಎಲ್ಲವೂ ಸಾಹೇಬರ ತಲೆಯ ಮೇಲೆ!

ಪೆಟ್ಟಿಗೆಯನ್ನು ಮಗುಚಿಟ್ಟು ತಮ್ಮ ಗುಂಡಿ ಒತ್ತಿದ. ಯಾರೂ ಉಸಿರಾಡಲಿಲ್ಲ. ಕಾರಿನ ಚಿತ್ರ ಬಂತು. ಹೋಯಿತು. ರಸ್ತೆ ಬಂತು! ಇಂಜಿನ್ನು ಗುಡುಗಿತು! ಆದರೆ ಏನೋ ಕೊರತೆ.

"ಹಾಡು ಎಲ್ಲಿ?" ಎಂದ ತಮ್ಮ.

ಸಾಹೇಬರು ಗಂಟಲು ಸರಿಮಾಡಿಕೊಂಡರು. "ಡಿಸ್ಕಿನಲ್ಲಿ ಬರವಣಿಗೆ ನಡುವಿನಿಂದ ಅಂಚಿನ ಕಡೆಗೆ ಸಾಗುತ್ತೆ. ಆಟ ಒಳಗಡೆ. ಹಾಡುಗಳು ಹೊರಗಡೆ. ನಾನು ಕಿತ್ತದ್ದು..."

"ಹಾಡನ್ನ!"

"ಹಾಡಿಲ್ಲದೆ ನನಗೆ ತಿರುವು ತಗೊಳ್ಳೋಕೆ ಬರಲ್ಲ" ಎಂದಳು ಹೆಂಡತಿ. "ಕಿತ್ತವರೇ ಹಾಡಲಿ. ವಾರವೆಲ್ಲ ಕೇಳಿಸ್ಕೊಂಡಿದ್ದೀರಲ್ಲ, ಶುರುಮಾಡಿ!"

ಹೀಗೆ ಪ್ರಯೋಗಾಲಯದ ಹಿರಿಯ ಪರೀಕ್ಷಕರು ಮಗುಚಿದ ಪೆಟ್ಟಿಗೆಯ ಪಕ್ಕದಲ್ಲಿ ಚಕ್ಕಳಮಕ್ಕಳ ಹಾಕಿ ಕೂತು, "ಢಣ್ ಢಣ್ ಢಣಾ... ಟೊಂಯ್!" ಎಂದು ಐದು ಸುತ್ತು ಹಾಡಿದರು. ನಿಧಾನವಾದರೆ ತಮ್ಮ ಗದರಿದ, ಜೋರಾದರೆ ಹೆಂಡತಿ ಗದರಿದಳು. ಕೊನೆಯ ಸುತ್ತಿನಲ್ಲಿ ಉಸಿರು ಸಿಕ್ಕದೆ 'ಟೊಂಯ್' ಬರಬೇಕಾದಲ್ಲಿ ಕೆಮ್ಮು ಬಂತು. ತಮ್ಮ ಬಿದ್ದು ಬಿದ್ದು ನಕ್ಕ. ಅವನ ಕಾರು ಗೋಡೆಗೆ ಬಡಿಯಿತು. ಅಕ್ಕ ಗೆದ್ದಳು!

"ಒಪ್ಪಲ್ಲ! ಹಾಡೇ ನಿಂತುಹೋಯ್ತು! ಮುಂದಿನ ಭಾನುವಾರ ಮತ್ತೆ ಆಡಬೇಕು!"

"ಬಾರೋ, ಊಟಕ್ಕೇ ಬಾ. ಎರಡು ವರ್ಷದ ಹಿಂದಿನ ಊಟವೂ ಬಾಕಿ ಇದೆ" ಎಂದಳು ಅಕ್ಕ.

ಅನಂತರ ಆಕೆ ಎದ್ದು ಡಬ್ಬದಿಂದ ಒಂದು ಲೇಬಲ್ ತೆಗೆದು, ಏನೋ ಬರೆದು, ಗಂಡನ ಶರ್ಟಿನ ಎದೆಯ ಮೇಲೆ ಅಂಟಿಸಿ, ಹೆಬ್ಬೆರಳಿನಿಂದ ಮೂರು ಸಲ ಒತ್ತಿದಳು. ಅದನ್ನು ಕೀಳುವ ಧೈರ್ಯ ಸಾಹೇಬರಿಗೆ ಇರಲಿಲ್ಲ. ಶರ್ಟೂ ಜೊತೆಗೆ ಬರುತ್ತದೆಂದು ಈಗ ಅವರಿಗೆ ಗೊತ್ತಿತ್ತು. ಕತ್ತು ಬಗ್ಗಿಸಿ, ತಲೆಕೆಳಗಾಗಿ ಕಾಣುತ್ತಿದ್ದ ಅಕ್ಷರಗಳನ್ನು ಒಂದೊಂದಾಗಿ ಓದಿಕೊಂಡರು.

ಮಾದರಿ ಸಂಖ್ಯೆ: ಎರಡು. ವಸ್ತು: ಹಾಡು. ಷರಾ: ನಿಂತರೆ ತಲೆಕೆಳಗೆ ಮಾಡಿ.